ಅಹಮದ್ ಖಾನನ ಧರ್ಮಶಾಲೆ: ಹಂಪಿಯ ಕಲ್ಲುಕೆಲಸದಲ್ಲಿ ಒಂದು ಮಸೀದಿ



ಈ ದತ್ತಿಯ ಹಿರಿಯರು ನನಗೆ ಒಪ್ಪಿಸಿದ ವಿಷಯ ‘ಹಂಪಿ ಸೀಮೆಯ ಪ್ರಾರ್ಥನಾಲಯಗಳು’. ವಿರೂಪಾಕ್ಷ, ವಿಜಯವಿಠ್ಠಲ, ಹಜಾರರಾಮ, ಸಂಡೂರಿನ ಕುಮಾರಸ್ವಾಮಿ ಈ ಗುಡಿಗಳ ಬಗ್ಗೆ ತಿಳಿದವರು ಬೇಕಾದಷ್ಟು ಬರೆದಿದ್ದಾರೆ. ನಾನು ಒಂದೇ ಒಂದು ಕಟ್ಟಡದ ಮುಂದೆ ನಿಲ್ಲುತ್ತೇನೆ. ಕಮಲಾಪುರದಿಂದ ತಳವಾರಘಟ್ಟಕ್ಕೆ ಹೋಗುವ ದಾರಿಯಲ್ಲಿ, ಹಳೆಯ ರಾಜಧಾನಿಯ ಈಶಾನ್ಯದಲ್ಲಿ, ಮುಸ್ಲಿಂ ವಸತಿ ಇದ್ದ ಜಾಗದಲ್ಲಿ ಅದು ಇದೆ. ಪ್ರವಾಸಿಗಳ ಆಟೋ ಅಲ್ಲಿ ನಿಲ್ಲುವುದು ಅಪರೂಪ.

ಹೊರಗಿನಿಂದ ಬಂದ ಧರ್ಮವೊಂದು ತನ್ನ ಪ್ರಾರ್ಥನಾಲಯ ಕಟ್ಟುವಾಗ ರೂಪವನ್ನೂ ಜೊತೆಯಲ್ಲೇ ತರುವುದುಂಟು. ಮೈಸೂರಿನ ಸಂತ ಫಿಲೋಮಿನಾ ಚರ್ಚಿನ ಅವಳಿ ಶಿಖರಗಳು ಯುರೋಪಿನ ಗಾಥಿಕ್ ಶೈಲಿಯವು. ಮಂಗಳೂರಿನ ಸಂತ ಅಲೋಶಿಯಸ್ ಚಾಪೆಲ್ಲಿನ ಗೋಡೆ ಮತ್ತು ಮಾಡುಗಳಿಗೆ ಚಿತ್ರ ಬರೆಯಲು ಇಟಲಿಯಿಂದ ಆಂಟೋನಿಯೊ ಮೊಸ್ಕೇನಿ ಬಂದ. ಎರಡೂ ಚೆಲುವಾದ ಕಟ್ಟಡಗಳೇ. ಅಹಮದ್ ಖಾನನ ಮಸೀದಿ ಹಿಡಿದ ದಾರಿ ಬೇರೆ. ಅದು ರೂಪವನ್ನು ಇಲ್ಲಿಯ ಬಂಡೆಯಿಂದ, ಇಲ್ಲಿಯ ಕಲ್ಲುಕುಟಿಗರ ಕೈಯಿಂದ ಪಡೆಯಿತು.

ಮೊದಲು ಹಿನ್ನೆಲೆ. ಕಂಪ್ಲಿಯಿಂದ ಶುರುಮಾಡುವುದು ನ್ಯಾಯ. ಕುಮಾರರಾಮನ ಕಥೆ ನಮ್ಮ ಸೀಮೆಯಲ್ಲಿ ಎಲ್ಲರ ಬಾಯಲ್ಲಿದೆ. ಸಂಡೂರಿನ ಬೆಟ್ಟಸಾಲಿನ ಹೊಸಮಲೆದುರ್ಗ ಅವನ ನೆಲ. ಆದರೆ ಅವನ ತಂದೆ ಕಂಪಿಲರಾಯನ ಮೇಲೆ ದೆಹಲಿಯ ದಂಡು ಏಕೆ ಬಂತು ಎಂಬುದನ್ನು ನಾವು ಅಷ್ಟಾಗಿ ಹೇಳುವುದಿಲ್ಲ. ಮಹಮ್ಮದ್ ಬಿನ್ ತುಘಲಕ್‌ನ ವಿರುದ್ಧ ದಂಗೆ ಎದ್ದ ಅವನ ಸಂಬಂಧಿ ಬಹಾಉದ್ದೀನ್ ಗುರ್ಶಾಸ್ಪ್ ಓಡಿ ಬಂದು ಕಂಪಿಲರಾಯನ ಮರೆಹೊಕ್ಕ. ರಾಯ ಅವನನ್ನು ಹಿಡಿದುಕೊಡಲಿಲ್ಲ. ಸೋಲು ಖಚಿತವಾದಾಗ ಅವನನ್ನು ದೋರಸಮುದ್ರದ ಕಡೆಗೆ ಸಾಗಹಾಕಿ ತಾನು ಹೋರಾಡಿ ಮಡಿದ. 1327ರ ಹೊತ್ತಿಗೆ ಕಂಪಿಲಿ ರಾಜ್ಯ ಮುಗಿಯಿತು. ಮರೆಹೊಕ್ಕ ಒಬ್ಬ ಮುಸ್ಲಿಮನಿಗಾಗಿ ಇಡೀ ರಾಜ್ಯವನ್ನು ಪಣಕ್ಕಿಟ್ಟ ದೊರೆಯ ನೆಲ ಇದು. ಕುಮಾರರಾಮನ ಕಥೆ ಹೇಳುವ ಪ್ರತಿ ವೇದಿಕೆಯಲ್ಲೂ ಗುರ್ಶಾಸ್ಪನ ಹೆಸರು ಬರಬೇಕೆಂದು ನನ್ನ ಹಟ.

ನೂರು ವರ್ಷದ ಆಚೆ, 1424ರಿಂದ 1446ರವರೆಗೆ ಆಳಿದ ಇಮ್ಮಡಿ ದೇವರಾಯನ ಕಾಲ. ಬಹಮನಿಗಳ ಎದುರು ವಿಜಯನಗರಕ್ಕೆ ಮತ್ತೆ ಮತ್ತೆ ಪೆಟ್ಟು ಬೀಳುತ್ತಿತ್ತು. ಮುಂದೆ ಬಿಜಾಪುರದಲ್ಲಿ ಕುಳಿತು ಚರಿತ್ರೆ ಬರೆದ ಫರಿಷ್ತಾ ಇದಕ್ಕೆ ಎರಡು ಕಾರಣ ಕೊಡುತ್ತಾನೆ: ಅವರ ಕುದುರೆಗಳು ಬಲವಾದವು, ಅವರ ಬಿಲ್ಲುಗಾರರು ನುರಿತವರು. ದೇವರಾಯ ಮುಸ್ಲಿಂ ಯೋಧರನ್ನು ಸೇವೆಗೆ ತೆಗೆದುಕೊಂಡು ಜಾಗೀರು ಕೊಟ್ಟ, ನಗರದಲ್ಲಿ ಮಸೀದಿ ಕಟ್ಟಿಸಿಕೊಟ್ಟ, ಅವರು ಸಂಕೋಚವಿಲ್ಲದೆ ನಮಸ್ಕರಿಸಲೆಂದು ಸಿಂಹಾಸನದ ಮುಂದೆ ಕುರಾನ್ ಇರಿಸಿದ ಎಂದೂ ಅವನೇ ಬರೆದಿದ್ದಾನೆ. ಫರಿಷ್ತಾನ ಎಲ್ಲ ಮಾತನ್ನೂ ಹಾಗೇ ನಂಬಬೇಕಿಲ್ಲ. ಆದರೆ 1430ರ ಶಾಸನವೊಂದು ದೇವರಾಯನ ಸೇವೆಯಲ್ಲಿ ಹತ್ತು ಸಾವಿರ ತುರುಷ್ಕ ಸವಾರರಿದ್ದರೆಂದು ಹೇಳುತ್ತದೆ. ಅದಕ್ಕಿಂತ ಗಟ್ಟಿ ಸಾಕ್ಷಿ ನಮ್ಮ ಮಸೀದಿಯ ಶಾಸನ. 1439ರಲ್ಲಿ ಅಹಮದ್ ಖಾನ್ ಎಂಬ ಅಧಿಕಾರಿ ತನ್ನ ದೊರೆ ದೇವರಾಯನಿಗೆ ಪುಣ್ಯವಾಗಲೆಂದು ಈ ಧರ್ಮಶಾಲೆಯನ್ನು (ಶಾಸನ ಮಸೀದಿಯನ್ನು ಕರೆಯುವುದೇ ಹಾಗೆ) ಕಟ್ಟಿಸಿದ ಎಂದು ಅದು ದಾಖಲಿಸುತ್ತದೆ. ಇದೇ ದೇವರಾಯ 1426ರಲ್ಲಿ ಪಾನ್ ಸುಪಾರಿ ಬಜಾರಿನಲ್ಲಿ ಪಾರ್ಶ್ವನಾಥನಿಗೆ ಕಲ್ಲಿನ ಚೈತ್ಯಾಲಯ ಕಟ್ಟಿಸಿದ್ದ. ದೊರೆ ಜೈನರಿಗೆ ಕಟ್ಟಿಸುತ್ತಾನೆ, ದೊರೆಯ ಪುಣ್ಯಕ್ಕೆ ಮುಸ್ಲಿಂ ಸೇವಕ ಕಟ್ಟಿಸುತ್ತಾನೆ. ಎರಡಕ್ಕೂ ನಡುವೆ ಹದಿಮೂರೇ ವರ್ಷ.

ಈಗ ಕಟ್ಟಡಕ್ಕೆ ಬರೋಣ. ದೂರದಿಂದ ನೋಡಿದವರು ಇದನ್ನು ಮಸೀದಿ ಎನ್ನಲಾರರು. ಮಿನಾರು ಇಲ್ಲ, ಗುಮ್ಮಟ ಇಲ್ಲ. ಪೂರ್ವಕ್ಕೆ ತೆರೆದ ಕಂಬಸಾಲಿನ ಒಂದು ಮಂಟಪ. ಚೌಕದ ಕಂಬ ನಡುವೆ ಎಂಟು ಮೂಲೆಯಾಗಿ ಮತ್ತೆ ಚೌಕಕ್ಕೆ ತಿರುಗುತ್ತದೆ. ಅದರ ಮೇಲೆ ಬೋದಿಗೆ, ಬೋದಿಗೆಯ ಮೇಲೆ ತೊಲೆ, ತೊಲೆಯ ಮೇಲೆ ಚಪ್ಪಡಿ. ಕಂಬಗಳಲ್ಲಿ ಆನೆ, ಹಂಸ, ದೇವತೆಗಳಿಲ್ಲ. ಮೂರ್ತಿ ಬಿಟ್ಟರು, ಕಸುಬು ಬಿಡಲಿಲ್ಲ. ಒಳಗೆ ಹೋಗಿ ಹಿಂಗೋಡೆ ನೋಡಿದಾಗ ಗುರುತು ಸಿಗುತ್ತದೆ: ಮೆಕ್ಕಾದ ದಿಕ್ಕನ್ನು ತೋರುವ ಗೂಡು, ಮಿಹ್ರಾಬ್.

ನಮ್ಮ ನಾಡಿಗೆ ಮೆಕ್ಕಾ ಪಶ್ಚಿಮಕ್ಕಿದೆ. ನಮಾಜಿಗೆ ನಿಂತವನು ಪೂರ್ವದಿಂದ ಬಂದು ಪಶ್ಚಿಮಕ್ಕೆ ಮುಖ ಮಾಡಬೇಕು. ಪೂರ್ವಾಭಿಮುಖವಾದ ವಿರೂಪಾಕ್ಷನ ಗುಡಿಗೆ ಹೋಗುವ ಭಕ್ತನೂ ಮಾಡುವುದು ಅದನ್ನೇ. ಹಾಗಾಗಿ ಪೂರ್ವದ ಮಂಟಪ ಕಟ್ಟಿ ಕಟ್ಟಿ ಕೈ ಪಳಗಿದ ಶಿಲ್ಪಿಗೆ ಈ ಮಸೀದಿಯ ದಿಕ್ಕು ಹೊಸದಾಗಿ ಕಾಣಿಸಿರಲಾರದು. ಗರ್ಭಗುಡಿ ಬರುವ ಕಡೆ ಗೋಡೆ ನಿಲ್ಲಿಸಿ ಗೂಡು ಬಿಟ್ಟರೆ ಆಯಿತು.

ಗುಮ್ಮಟ ಕಟ್ಟಲು ಬಾರದ್ದರಿಂದ ಹೀಗೆ ಮಾಡಿದರು ಎನ್ನುವವರಿದ್ದಾರೆ. ಅವರಿಗೆ ಉತ್ತರ ಪಕ್ಕದಲ್ಲೇ ಇದೆ. ಮಸೀದಿಯ ಮಗ್ಗುಲಲ್ಲಿ ಒಂದು ಗೋರಿ ಕಟ್ಟಡವಿದೆ. ಅಹಮದ್ ಖಾನನದೇ ಎನ್ನುವುದು ರೂಢಿ. ಚೌಕನೆಯ ಕಟ್ಟಡ, ಗೋಡೆಗಳಲ್ಲಿ ಕಮಾನು, ಮೇಲೆ ಗುಮ್ಮಟ. ಬಹಮನಿ ರಾಜ್ಯದ ಯಾವ ಊರಿನಲ್ಲಿಟ್ಟರೂ ಒಪ್ಪುವಂಥದ್ದು. ಹೊಸಪೇಟೆಯಿಂದ ಹಂಪಿಗೆ ಹೋಗುವ ದಾರಿಯ ಕಡಿರಾಂಪುರದಲ್ಲೂ ಇದೇ ಶತಮಾನದ, ಇದೇ ಬಗೆಯ ಎರಡು ಗೋರಿಗಳಿವೆ. ಅಂದರೆ ಕಮಾನು ಕಟ್ಟಬಲ್ಲವರು ಊರಲ್ಲಿದ್ದರು. ಗೋರಿಗೆ ಗುಮ್ಮಟ, ಪ್ರಾರ್ಥನೆಗೆ ಮಂಟಪ ಎಂಬುದು ಬೇಕೆಂದೇ ಮಾಡಿದ ಆಯ್ಕೆ ಎಂದು ನಾನು ತಿಳಿಯುತ್ತೇನೆ. ಸತ್ತವನ ಗೋರಿ ಅವನ ಮನೆತನದ ಮಾತು. ಹತ್ತು ಜನ ಸೇರುವ ಜಾಗ ನಗರದ ಮಾತು. ಅದು ನಗರದ ಉಳಿದ ಕಟ್ಟಡಗಳ ಸಾಲಿಗೆ ಸೇರುವಂತಿರಬೇಕು.

ಇನ್ನು ಇದರ ಇನ್ನೊಂದು ಮಗ್ಗುಲನ್ನು ನೋಡಿ. ಅರಮನೆಯ ಆವರಣದಲ್ಲಿ ರಾಯರು ತಮಗಾಗಿ ಏನು ಕಟ್ಟಿಸಿಕೊಂಡರು? ಹನ್ನೊಂದು ಕೋಣೆಗಳ ಆನೆಲಾಯದ ಮೇಲೆ ಬಗೆಬಗೆಯ ಗುಮ್ಮಟಗಳ ಸಾಲು. ಕಮಲ ಮಹಲಿನಲ್ಲಿ ಎಸಳೆಸಳಾದ ಕಮಾನು, ಮೇಲೆ ಗುಡಿಯಂಥ ಶಿಖರ. ರಾಣಿ ಸ್ನಾನಗೃಹದ ಒಳಸುತ್ತಿನಲ್ಲಿ ಕಮಾನಿನ ಪಡಸಾಲೆ. ದೊರೆ ಸುಲ್ತಾನರ ಶೈಲಿ ಹಿಡಿದ, ಸುಲ್ತಾನರ ಧರ್ಮದ ಸೇವಕ ಗುಡಿಯ ಶೈಲಿ ಹಿಡಿದ. ‘ಹಿಂದೂರಾಯ ಸುರತ್ರಾಣ’, ಅಂದರೆ ಹಿಂದೂ ರಾಯರಲ್ಲಿ ಸುಲ್ತಾನ, ಎಂಬ ಬಿರುದನ್ನು ವಿಜಯನಗರದ ಅರಸರು ಹದಿನಾಲ್ಕನೆಯ ಶತಮಾನದಲ್ಲೇ ಧರಿಸಿದ್ದರು. 1900ರಲ್ಲಿ ಬಂದ ರಾಬರ್ಟ್ ಸೀವೆಲ್‌ನ ಪುಸ್ತಕ ಈ ಸಾಮ್ರಾಜ್ಯವನ್ನು ಮುಸ್ಲಿಮರ ಎದುರು ಹಿಂದೂಗಳು ಎತ್ತಿದ ಅಣೆಕಟ್ಟಿನಂತೆ ಚಿತ್ರಿಸಿತು. ಪೋರ್ಚುಗೀಸರಾದ ಪಾಯೆಸ್, ನ್ಯೂನಿಜರ ಬರಹಗಳನ್ನು ನಮಗೆ ಒದಗಿಸಿದ ಉಪಕಾರ ಅವನದು, ಅದನ್ನು ಮರೆಯಬಾರದು. ಆದರೆ ಅವನ ಆ ಚಿತ್ರ ಕಮಲ ಮಹಲಿಗೂ ಹೊಂದುವುದಿಲ್ಲ, ಈ ಮಸೀದಿಗೂ ಹೊಂದುವುದಿಲ್ಲ.

ಅದೇ ಪುಸ್ತಕದಲ್ಲಿ ಪೋರ್ಚುಗೀಸ್ ಡೊಮಿಂಗೊ ಪಾಯೆಸ್, ಸುಮಾರು 1520ರಲ್ಲಿ, ಊರ ತುದಿಯ ಮುಸ್ಲಿಂ ಕೇರಿಯನ್ನು ಕಂಡು ಬರೆದದ್ದಿದೆ: ಅಲ್ಲಿನ ಬಹಳ ಜನ ಈ ದೇಶದಲ್ಲೇ ಹುಟ್ಟಿದವರು, ದೊರೆಯ ಸಂಬಳ ಉಣ್ಣುವವರು, ಅವನ ಕಾವಲಿನವರು. ಅಹಮದ್ ಖಾನನ ಕಾಲದಿಂದ ಆಗ ಎಂಬತ್ತು ವರ್ಷ ಕಳೆದಿತ್ತು. ಮೂರ್ನಾಲ್ಕು ತಲೆಮಾರು ಅಲ್ಲೇ ಬೆಳೆದಿತ್ತು.

ಹೊಸಪೇಟೆಯವರಿಗೆ ಹತ್ತಿರದ ಒಂದು ಮಾತು. ಆಗಿನ ನಾಗಲಾಪುರ, ಅಂದರೆ ನಮ್ಮ ಊರಿನ ಬಳಿ, ಕೆರೆ ಕಟ್ಟಲು ಕೃಷ್ಣದೇವರಾಯ ಗೋವೆಯಿಂದ ಪೋರ್ಚುಗೀಸ್ ಕಲ್ಲುಕೆಲಸದವನೊಬ್ಬನನ್ನು ಕರೆಸಿದ್ದ. ಜೋವಾಓ ಡೆ ಲಾ ಪೊಂಟೆ ಎಂದು ಅವನ ಹೆಸರು. ಅವನು ಸುಣ್ಣ ಕೇಳಿದಾಗ ದೊರೆ ನಕ್ಕ, ಈ ನಾಡಿನಲ್ಲಿ ಕಟ್ಟುವಾಗ ಸುಣ್ಣ ಬಳಸುವುದು ಗೊತ್ತಿಲ್ಲ ಎಂದು ಫೆರ್ನಾಓ ನ್ಯೂನಿಜ್ ಬರೆದ. ಗಾರೆ ಮೆತ್ತಿದ ಗುಮ್ಮಟಗಳು ಅಷ್ಟು ಹೊತ್ತಿಗೆ ಕಡಿರಾಂಪುರದಲ್ಲಿ ನಿಂತು ಎಷ್ಟೋ ವರ್ಷವಾಗಿತ್ತು. ಪ್ರವಾಸಿಗಳ ಬರಹವನ್ನು ಕಟ್ಟಡದ ಪಕ್ಕದಲ್ಲಿಟ್ಟೇ ಓದಬೇಕು.

ಹಂಪಿ 1986ರಿಂದ ವಿಶ್ವಪರಂಪರೆಯ ತಾಣ. ಹೊಸಪೇಟೆ ಈಗ ಜಿಲ್ಲಾ ಕೇಂದ್ರ. ಶಾಲೆಯ ಮಕ್ಕಳ ಬಸ್ಸುಗಳು ವಿಠ್ಠಲ ಗುಡಿಯ ಕಲ್ಲಿನ ರಥಕ್ಕೆ ಹೋಗಿ ತಿರುಗುತ್ತವೆ. ತಳವಾರಘಟ್ಟದ ರಸ್ತೆಯಲ್ಲಿ ಗಾಣಗಿತ್ತಿ ಬಸದಿ, ಅಲ್ಲಿಂದ ಈ ಮಸೀದಿ, ಕೊನೆಗೆ ವಿಠ್ಠಲ ಎಂದು ಒಂದೇ ದಾರಿಯಲ್ಲಿ ಅವರನ್ನು ಕರೆದೊಯ್ಯಲು ಸಾಧ್ಯವಿದೆ. 1385ರ ಬಸದಿ, 1439ರ ಮಸೀದಿ, ಆಮೇಲೆ ಕೃಷ್ಣದೇವರಾಯನ ಕಾಲದ ಮಂಟಪಗಳು: ಕಂಬ ಹೇಗೆ ಬೆಳೆಯಿತು ಎಂಬುದನ್ನು ಮಕ್ಕಳು ಮುಟ್ಟಿ ಕಲಿಯುತ್ತಾರೆ. ಗೈಡುಗಳಿಗೆ ಇದನ್ನು ಕಲಿಸುವ ಹೊಣೆಯನ್ನು ನಮ್ಮ ಪಕ್ಕದ ಕನ್ನಡ ವಿಶ್ವವಿದ್ಯಾಲಯ ಹೊತ್ತರೆ ಚೆನ್ನ.

ಇಲ್ಲಿ ಕುಳಿತ ವಿದ್ಯಾರ್ಥಿಗಳಿಗೆ ಒಂದು ಕೆಲಸ ಹೇಳುತ್ತೇನೆ. ಹಂಪಿಯ ಬಂಡೆಗಳ ಅಂಚಿನಲ್ಲಿ ಸಾಲಾಗಿ ಬೆಣೆ ಹೊಡೆದ ಗುಳಿಗಳನ್ನು ನೀವೆಲ್ಲ ಕಂಡಿದ್ದೀರಿ. ಅವು ಕಲ್ಲುಕುಟಿಗರ ಗುರುತು; ಅವರ ಕೈಯನ್ನು ಕಂಬಗಳಲ್ಲೂ ಹುಡುಕಬಹುದು. ಅನುಮತಿ ಪಡೆದು, ಮಸೀದಿಯ ಕಂಬಗಳ ಅಗಲ, ಎಂಟುಮೂಲೆ ಶುರುವಾಗುವ ಎತ್ತರ, ಬೋದಿಗೆಯ ಚಾಚು ಇಷ್ಟನ್ನು ಅಳತೆ ತೆಗೆಯಿರಿ. ಅದೇ ಕಾಲದ ಪಾರ್ಶ್ವನಾಥ ಚೈತ್ಯಾಲಯದ ಕಂಬಗಳನ್ನೂ ಅಳೆಯಿರಿ. ಎರಡೂ ಪಟ್ಟಿಗಳನ್ನು ಪಕ್ಕಪಕ್ಕ ಬರೆದು ನೋಡಿ. ಅಳತೆ ಕೂಡಿದರೆ, ಬಸದಿಗೂ ಮಸೀದಿಗೂ ಕಲ್ಲು ಕಡಿದದ್ದು ಒಂದೇ ಕುಳದವರು ಎಂದು ವಾದಿಸಲು ನಮಗೆ ಆಧಾರ ಸಿಕ್ಕಂತಾಗುತ್ತದೆ.