ಕೊರಿಯದ ನುಡಿ ಮತ್ತು ಅದರ ಪ್ರಾಂತ್ಯಭೇದಗಳು

ಕೊರಿಯದಲ್ಲಿ ಒಂದು ಗಾದೆಯುಂಟು: ಕುದುರೆಮರಿ ಹುಟ್ಟಿದರೆ ಜೇಜುವಿಗೆ ಕಳಿಸು, ಮಗು ಹುಟ್ಟಿದರೆ ಸಿಯೋಲಿಗೆ ಕಳಿಸು. ಜೇಜು ಎಂಬುದು ಆ ದೇಶದ ತೆಂಕಣ ತುದಿಯಾಚೆ ಕಡಲಿನಲ್ಲಿರುವ ದ್ವೀಪ. ಹುಲ್ಲುಗಾವಲಿಗೂ ಕುದುರೆಗೂ ಹೆಸರಾದದ್ದು. ಸಿಯೋಲ್ ರಾಜಧಾನಿ, ವಿದ್ಯೆ, ಅಧಿಕಾರ, ಸಂಪತ್ತುಗಳ ನೆಲೆ. ಕೊರಿಯನ್ ಭಾಷೆಯಲ್ಲಿ ಕುದುರೆಗೆ 'ಮಲ್' ಎಂದು ಹೆಸರು. ವಿಚಿತ್ರವೆಂದರೆ, ಮಾತಿಗೂ 'ಮಲ್' ಎಂದೇ ಹೆಸರು. ಹಾಗಾದರೆ ಮಾತು ಹುಟ್ಟಿದರೆ ಅದನ್ನು ಎಲ್ಲಿಗೆ ಕಳಿಸಬೇಕು? ಕುದುರೆಯೊಡನೆ ಜೇಜುವಿಗೋ, ಮನುಷ್ಯನೊಡನೆ ಸಿಯೋಲಿಗೋ? ಇದು ಮೇಲುನೋಟಕ್ಕೆ ವಿನೋದದ ಪ್ರಶ್ನೆ. ಆದರೆ ಕಳೆದ ನೂರು ವರ್ಷಗಳಲ್ಲಿ ಆ ಜನ ಇದಕ್ಕೆ ಉತ್ತರ ಹುಡುಕುತ್ತ ಬಹಳ ನೋವುಂಡಿದ್ದಾರೆ.

ಕೊರಿಯನ್ ಭಾಷೆ ನಮಗೆ ಬಹು ದೂರದ್ದು. ಆದರೂ ಅದನ್ನು ಮೊದಲ ಬಾರಿಗೆ ಕೇಳುವ ಕನ್ನಡಿಗ ಒಂದು ಕ್ಷಣ ಬೆರಗಾಗುತ್ತಾನೆ. ಅಲ್ಲಿಯೂ ಮಗು ತಂದೆಯನ್ನು 'ಅಪ್ಪಾ' ಎಂದು ಕರೆಯುತ್ತದೆ. ತಾಯಿ 'ಒಮ್ಮಾ'. ನಾನು ಎಂಬುದಕ್ಕೆ 'ನಾ'. ವಾಕ್ಯದ ಕಟ್ಟೂ ನಮ್ಮದರಂತೆಯೇ: ಕರ್ತೃ ಮೊದಲು, ಕರ್ಮ ಆಮೇಲೆ, ಕ್ರಿಯಾಪದ ಕೊನೆಗೆ, ವಿಭಕ್ತಿಗಳು ನಾಮಪದದ ಹಿಂದೆ ಅಂಟಿಕೊಳ್ಳುತ್ತವೆ. ಈ ಹೋಲಿಕೆಗಳನ್ನು ಕಂಡು, ಅಮೆರಿಕದಿಂದ ಬಂದು ಸಿಯೋಲಿನಲ್ಲಿ ಉಪಾಧ್ಯಾಯರಾಗಿದ್ದ ಹೋಮರ್ ಹಲ್ಬರ್ಟ್ ಎಂಬವರು 1905ರಲ್ಲಿ ಕೊರಿಯನ್ ಭಾಷೆಯನ್ನೂ ದ್ರಾವಿಡ ಭಾಷೆಗಳನ್ನೂ ಹೋಲಿಸಿ ಒಂದು ವ್ಯಾಕರಣವನ್ನೇ ಬರೆದರು. ಇಂದಿನ ಭಾಷಾವಿಜ್ಞಾನಿಗಳು ಈ ನಂಟನ್ನು ಒಪ್ಪುವುದಿಲ್ಲ. ಅಪ್ಪ, ಅಮ್ಮ ಎಂಬಂಥ ಮಕ್ಕಳ ಮಾತುಗಳು ಲೋಕದ ಎಷ್ಟೋ ಭಾಷೆಗಳಲ್ಲಿ ತಾವಾಗಿಯೇ ಹುಟ್ಟುತ್ತವೆ. ಕ್ರಿಯಾಪದ ಕೊನೆಗೆ ಬರುವ ಭಾಷೆಗಳೂ ಬೇಕಾದಷ್ಟಿವೆ. ಆದ್ದರಿಂದ ನಂಟಸ್ತಿಕೆಯ ಮಾತನ್ನು ಬಿಟ್ಟು, ನೆರೆಮನೆಯವರ ಕಷ್ಟಸುಖ ವಿಚಾರಿಸುವವರಂತೆ ಆ ಭಾಷೆಯನ್ನು ನೋಡೋಣ.

ಕೊರಿಯನ್ ನುಡಿಯ ಚರಿತ್ರೆಯಲ್ಲಿ ಮರೆಯಲಾಗದ ಹೆಸರು ಸೆಜೋಂಗ್ ಮಹಾರಾಜನದು. ಅವನ ಕಾಲದವರೆಗೆ ಅಲ್ಲಿಯವರು ಚೀನೀ ಅಕ್ಷರಗಳಲ್ಲಿ ಬರೆಯುತ್ತಿದ್ದರು. ಸಾಮಾನ್ಯ ಜನಕ್ಕೆ ಆ ಸಾವಿರಾರು ಅಕ್ಷರಗಳು ಎಟುಕುತ್ತಿರಲಿಲ್ಲ. ಸೆಜೋಂಗ್ 1443ರಲ್ಲಿ 28 ಅಕ್ಷರಗಳ ಹೊಸ ಲಿಪಿಯೊಂದನ್ನು ರಚಿಸಿ 1446ರಲ್ಲಿ ಪ್ರಕಟಿಸಿದನು. ಅದೇ ಇಂದಿನ ಹಂಗುಲ್ ಲಿಪಿ. ಈಗ ಅದರಲ್ಲಿ 24 ಅಕ್ಷರಗಳು ಉಳಿದಿವೆ. ನಾಲಗೆ, ತುಟಿ, ಗಂಟಲುಗಳು ಉಚ್ಚಾರಣೆಯ ವೇಳೆ ತಾಳುವ ಆಕಾರವನ್ನೇ ಅನುಸರಿಸಿ ಮೂಲ ವ್ಯಂಜನಗಳನ್ನು ಬಿಡಿಸಿದ್ದು ಅದರ ಹೆಚ್ಚಳ.

ಆ ಲಿಪಿಯಲ್ಲಿ ಇನ್ನೊಂದು ಏರ್ಪಾಡೂ ಇದ್ದಿತು. ಅಕ್ಷರದ ಎಡಗಡೆಯಲ್ಲಿ ಒಂದು ಚುಕ್ಕೆಯಿದ್ದರೆ ಏರುದನಿ, ಎರಡು ಚುಕ್ಕೆಯಿದ್ದರೆ ತಗ್ಗಿನಿಂದ ಮೇಲೇರುವ ದನಿ, ಚುಕ್ಕೆಯೇ ಇಲ್ಲದಿದ್ದರೆ ತಗ್ಗುದನಿ. ಅಂದಿನ ಕೊರಿಯನ್ ಭಾಷೆಯಲ್ಲಿ ಸ್ವರದ ಏರಿಳಿತದಿಂದಲೇ ಪದದ ಅರ್ಥ ಬೇರೆಯಾಗುತ್ತಿತ್ತೆಂದು ಇದರಿಂದ ತಿಳಿಯುತ್ತದೆ. ಕಾಲಕ್ರಮದಲ್ಲಿ ರಾಜಧಾನಿಯ ಮಾತಿನಿಂದ ಈ ಏರಿಳಿತ ಮಾಯವಾಯಿತು. ಚುಕ್ಕೆಗಳನ್ನು ಬರೆಯುವ ರೂಢಿಯೂ ತಪ್ಪಿತು. ಹಾಗಾದರೆ ಅದು ಸತ್ತುಹೋಯಿತೆ? ಇಲ್ಲ. ಸಿಯೋಲ್ ಮರೆತದ್ದನ್ನು ದೂರದ ಪ್ರಾಂತ್ಯಗಳ ಬಾಯಿ ಮರೆಯಲಿಲ್ಲ.

ಈಗ ಆ ಪ್ರಾಂತ್ಯಗಳನ್ನು ಒಮ್ಮೆ ಸುತ್ತಿಬರೋಣ. ಕೊರಿಯನ್ ಭಾಷೆಯ ಪ್ರಾಂತ್ಯಭೇದಗಳನ್ನು ಸಾಮಾನ್ಯವಾಗಿ ಆರು ಎಂದು ಎಣಿಸುವುದುಂಟು: ಈಶಾನ್ಯದಲ್ಲಿ ಹಮ್‌ಗ್ಯೋಂಗ್, ವಾಯವ್ಯದಲ್ಲಿ ಪ್ಯೋಂಗಾನ್, ಸಿಯೋಲಿನ ಸುತ್ತ ನಡುನಾಡಿನ ನುಡಿ, ನೈರುತ್ಯದಲ್ಲಿ ಜೊಲ್ಲಾ, ಆಗ್ನೇಯದಲ್ಲಿ ಗ್ಯೋಂಗ್‌ಸಾಂಗ್, ಕಡಲಾಚೆ ಜೇಜು.

ಬುಸಾನ್, ದೇಗು ಪಟ್ಟಣಗಳಿರುವ ಗ್ಯೋಂಗ್‌ಸಾಂಗ್ ಸೀಮೆಯಲ್ಲಿ ಸೆಜೋಂಗನ ಚುಕ್ಕೆಗಳು ಇಂದಿಗೂ ಜನರ ನಾಲಗೆಯ ಮೇಲಿವೆ. ಅಲ್ಲಿಯವರು ಕುದುರೆಯ 'ಮಲ್' ಅನ್ನೂ ಮಾತಿನ 'ಮಲ್' ಅನ್ನೂ ದನಿಯ ಏರಿಳಿತದಿಂದ ಬೇರ್ಪಡಿಸಬಲ್ಲರು. ಸಿಯೋಲಿನ ಹಿರಿಯರು ಮಾತಿನ 'ಮಲ್' ಅನ್ನು ದೀರ್ಘವಾಗಿ ಎಳೆದು ಹೇಳುತ್ತಿದ್ದರು. ಕಿರಿಯರಲ್ಲಿ ಆ ಭೇದವೂ ಅಳಿಸಿಹೋಗಿದೆ. ಗ್ಯೋಂಗ್‌ಸಾಂಗ್‌ನವರ ಪ್ರಶ್ನೆ ಕೇಳುವ ರೀತಿಯೂ ಗಮನಾರ್ಹ. ಹೌದು ಅಥವಾ ಅಲ್ಲ ಎಂದು ಉತ್ತರ ಬೇಡುವ ಪ್ರಶ್ನೆ 'ನಾ' ಎಂದು ಮುಗಿಯುತ್ತದೆ. ಯಾರು, ಏನು, ಎಲ್ಲಿ ಎಂಬ ಪ್ರಶ್ನೆ 'ನೋ' ಎಂದು ಮುಗಿಯುತ್ತದೆ. ನಾವು 'ಮನೆಗೆ ಹೋಗುತ್ತೀಯಾ?' ಎಂದು ದನಿ ಎಳೆದು, 'ಎಲ್ಲಿಗೆ ಹೋಗುತ್ತೀಯೆ?' ಎಂದು ಎಳೆಯದೆ ಕೇಳುವುದಿಲ್ಲವೇ, ಹಾಗೆ. ಇಂಥ ಭೇದ ಹಳೆಯ ಕೊರಿಯನ್ ಭಾಷೆಯಲ್ಲಿಯೂ ಇತ್ತು. ಇನ್ನು ಸಿಗಡಿಯನ್ನು ಸಿಯೋಲಿನವರು 'ಸೇಉ' ಎನ್ನುವರು, ಗ್ಯೋಂಗ್‌ಸಾಂಗ್‌ನವರು 'ಸೇಬಿ' ಎನ್ನುವರು. ರಾಜಧಾನಿಯಲ್ಲಿ ಸವೆದುಹೋದ ಹಳೆಯ ವ್ಯಂಜನವೊಂದು ಈ 'ಬಿ'ಯಲ್ಲಿ ಉಳಿದುಕೊಂಡಿದೆ.

ಪಕ್ಕದ ಜೊಲ್ಲಾ ಸೀಮೆ ಭತ್ತದ ಬಯಲು. ಅಲ್ಲಿ 'ಗೊಸಿಗಿ' ಎಂಬ ಪದವೊಂದು ಬಹಳ ಬಳಕೆ. ಹೆಸರು ನೆನಪಾಗದಾಗ, ಅಥವಾ ಹೇಳಲು ಸಂಕೋಚವಾದಾಗ, ನಾವು 'ಅದೇ, ಅದು' ಎನ್ನುತ್ತೇವಲ್ಲ, ಅಂಥದು. ಕೇಳುವವನಿಗೆ ಸಂದರ್ಭ ಗೊತ್ತಿದ್ದರೆ ಅರ್ಥ ಆಯಿತು, ಇಲ್ಲದಿದ್ದರೆ ಇಲ್ಲ. ನಡುನಾಡಿನ ಚುಂಗ್‌ಚೋಂಗ್‌ನವರು ವಾಕ್ಯದ ಕೊನೆಯ 'ಯೊ' ಎಂಬುದನ್ನು 'ಯು' ಎಂದು ಎಳೆದು ನಿಧಾನವಾಗಿ ಮಾತಾಡುತ್ತಾರೆಂದು ಉಳಿದವರು ಹಾಸ್ಯ ಮಾಡುವುದುಂಟು. ಬಡಗಣ ಪ್ಯೋಂಗಾನ್‌ನಲ್ಲಿ ಹಳೆಯ ತಕಾರ ದಕಾರಗಳು ಚಕಾರ ಜಕಾರಗಳಾಗಿ ಮೆತ್ತಗಾಗಲಿಲ್ಲ. ಸಿಯೋಲಿನವರು 'ಒಳ್ಳೆಯದು' ಎಂಬುದಕ್ಕೆ 'ಜೋತಾ' ಎಂದರೆ ಅಲ್ಲಿಯ ಹಳಬರು 'ದೋತಾ' ಎಂದೇ ಹೇಳುವರು. ಒಂದು ಬಗೆಯ ಸೊಪ್ಪಿನ ಈರುಳ್ಳಿಯನ್ನು ಸಿಯೋಲಿನವರು 'ಬುಚು' ಎಂದರೆ, ಗ್ಯೋಂಗ್‌ಸಾಂಗ್‌ನವರು 'ಜೋಂಗುಜಿ' ಎನ್ನುವರು, ಜೊಲ್ಲಾದವರು 'ಸೊಲ್' ಎನ್ನುವರು, ಜೇಜುವಿನವರು 'ಸೇಉರಿ' ಎನ್ನುವರು. ಸಂತೆಯಲ್ಲಿ ಸೊಪ್ಪಿನ ಹೆಸರು ಕೇಳಿದರೆ ಸಾಕು, ಮಾರುವಾಕೆಯ ತವರು ಯಾವುದೆಂದು ತಿಳಿಯುತ್ತದೆ.

ಇಷ್ಟು ಬಗೆಯ ಮಾತುಗಳ ನಡುವೆ ಒಂದು ಶಿಷ್ಟಭಾಷೆ ಹೇಗೆ ಬಂದಿತು? ಇದರ ಕಥೆ ಸುಖದ ಕಥೆಯಲ್ಲ. 1910ರಿಂದ 1945ರವರೆಗೆ ಕೊರಿಯ ಜಪಾನಿನ ಆಳ್ವಿಕೆಯಲ್ಲಿದ್ದಿತು. ಭಾಷೆ ಅಳಿದರೆ ಜನವೂ ಅಳಿಯುತ್ತದೆಂದು ಬಗೆದ ಕೆಲವರು ಸೇರಿ ಕೊರಿಯನ್ ಭಾಷಾ ಸಂಘವನ್ನು ಕಟ್ಟಿದರು. ನಿಘಂಟು ರಚಿಸುವುದು ಅವರ ಗುರಿ. ನಿಘಂಟಿಗೆ ಕಾಗುಣಿತ ಒಂದಾಗಿರಬೇಕಲ್ಲ? 1933ರಲ್ಲಿ ಅವರು ಏಕರೂಪದ ಕಾಗುಣಿತವನ್ನು ಗೊತ್ತುಮಾಡಿ, ಸಿಯೋಲಿನ ಮಧ್ಯಮ ವರ್ಗದವರು ಆಡುವ ಮಾತೇ ಶಿಷ್ಟಭಾಷೆಗೆ ಆಧಾರವೆಂದು ವಿಧಿಸಿದರು. ಪದಗಳನ್ನು ಮಾತ್ರ ಸಿಯೋಲಿನಿಂದಷ್ಟೇ ಕೂಡಿಸಲಿಲ್ಲ. ತಮ್ಮ ಪತ್ರಿಕೆಯ ಮೂಲಕ ನಾಡಿನ ಮೂಲೆಮೂಲೆಯ ವಿದ್ಯಾರ್ಥಿಗಳಿಗೂ ಓದುಗರಿಗೂ ಕರೆಯಿತ್ತು, ಊರೂರಿನ ಮಾತುಗಳನ್ನು ಬರೆದು ಕಳಿಸಿರೆಂದು ಬೇಡಿದರು. ಅಜ್ಜಿಯ ಬಾಯಿಂದ ಮೊಮ್ಮಗ ಬರೆದುಕೊಂಡ ಪದಗಳು ಹೀಗೆ ಸಿಯೋಲಿಗೆ ಬಂದು ಸೇರಿದವು.

1942ರಲ್ಲಿ ಸರ್ಕಾರ ಈ ಸಂಘದ ಮೇಲೆ ಕೈಮಾಡಿತು. ಬಂಧನ ಬಂಧನವಾಗಿ 33 ಮಂದಿ ವಿಚಾರಣೆಗೆ ಗುರಿಯಾದರು. ಚಿತ್ರಹಿಂಸೆಯಾಯಿತು. ಯಿ ಯುನ್‌ಜೇ, ಹಾನ್ ಜಿಂಗ್ ಎಂಬ ಇಬ್ಬರು ಸೆರೆಮನೆಯಲ್ಲಿಯೇ ತೀರಿಕೊಂಡರು. ನಿಘಂಟಿನ ಹಸ್ತಪ್ರತಿಯನ್ನು ಸಾಕ್ಷ್ಯವೆಂದು ವಶಪಡಿಸಿಕೊಂಡರು. ಅದು ಎಲ್ಲಿ ಹೋಯಿತೋ ಯಾರಿಗೂ ತಿಳಿಯದಾಯಿತು. 1945ರ ಆಗಸ್ಟಿನಲ್ಲಿ ದೇಶ ಬಿಡುಗಡೆಯಾದ ಮೇಲೆ, ಸೆಪ್ಟೆಂಬರಿನಲ್ಲಿ, ಸಿಯೋಲ್ ರೈಲು ನಿಲ್ದಾಣದ ಉಗ್ರಾಣವೊಂದರಲ್ಲಿ ಆ ಹಸ್ತಪ್ರತಿ ಸಿಕ್ಕಿತು. 1947ರಲ್ಲಿ ಮೊದಲನೆಯ ಸಂಪುಟ ಹೊರಬಂದಿತು. ಆರು ಸಂಪುಟಗಳೂ ಮುಗಿಯುವಾಗ 1957 ಆಗಿತ್ತು. ಮಧ್ಯೆ ಮೂರು ವರ್ಷದ ಘೋರ ಯುದ್ಧವೂ ನಡೆದುಹೋಗಿತ್ತು.

ಇಲ್ಲಿಯೇ ನಾವು ಯೋಚಿಸಬೇಕಾದ ಸಂಗತಿಯೊಂದಿದೆ. ಪ್ರಾಣವನ್ನು ಕೊಟ್ಟು ಭಾಷೆಯನ್ನು ಉಳಿಸಿದವರು ಪೂಜ್ಯರೇ ಸರಿ. ಆದರೆ ಅವರು ವಿಧಿಸಿದ ಶಿಷ್ಟಭಾಷೆ ಶಾಲೆಯನ್ನು ಹೊಕ್ಕಿತು, ಕಚೇರಿಯನ್ನು ಹೊಕ್ಕಿತು, ಬಾನುಲಿಯ ಮೂಲಕ ಮನೆಮನೆಯನ್ನೂ ಹೊಕ್ಕಿತು. ಯಾವುದು ಶಿಷ್ಟವಲ್ಲವೋ ಅದು ತಪ್ಪು ಎಂಬ ಭಾವನೆ ಬಲಿಯಿತು. ಹಳ್ಳಿಯಿಂದ ಸಿಯೋಲಿಗೆ ಬಂದ ಹುಡುಗ ಮೊದಲು ತನ್ನ ದನಿಯನ್ನು ಬಚ್ಚಿಡಲು ಕಲಿತನು. ನಿಘಂಟಿಗೆ ಪದ ಕೊಟ್ಟ ಅಜ್ಜಿಯ ಮಾತೇ ಮೊಮ್ಮಕ್ಕಳಿಗೆ ನಾಚಿಕೆಯ ಮಾತಾಯಿತು. 2006ರಲ್ಲಿ ಪ್ರಾಂತ್ಯನುಡಿಯ ಅಭಿಮಾನಿಗಳು ಕೆಲವರು, ಸಿಯೋಲಿನ ಮಾತನ್ನು ಮಾತ್ರ ಶಿಷ್ಟವೆನ್ನುವುದು ನ್ಯಾಯವಲ್ಲವೆಂದು ಸಂವಿಧಾನ ನ್ಯಾಯಾಲಯದ ಮೆಟ್ಟಿಲೇರಿದರು. ತಾಯ ಬಸಿರಿನಲ್ಲಿದ್ದಾಗಲೇ ಕೇಳಿದ ಮಾತು ಎಂಬ ಅರ್ಥದಲ್ಲಿ ಊರಿನ ನುಡಿಯನ್ನು ಅವರು 'ತೇನ್‌ಮಲ್' ಎಂದು ಕರೆದರು. 2009ರಲ್ಲಿ ನ್ಯಾಯಾಲಯ ಬಹುಮತದಿಂದ ಅವರ ಅರ್ಜಿಯನ್ನು ಒಪ್ಪಲಿಲ್ಲ. ಆದರೂ ಆ ಪ್ರಶ್ನೆಯನ್ನು ಕೇಳಿದ್ದೇ ಒಂದು ಲಾಭ.

ದೇಶ ಎರಡು ಹೋಳಾದಾಗ ಶಿಷ್ಟಭಾಷೆಯೂ ಎರಡಾಯಿತು. ಉತ್ತರದವರು 1966ರಲ್ಲಿ ಪ್ಯೋಂಗ್ಯಾಂಗ್ ಮಾತಿನ ಹೆಸರಿನಲ್ಲಿ ತಮ್ಮ 'ಸಂಸ್ಕೃತಿ ಭಾಷೆ'ಯನ್ನು ಸಾರಿದರು. ಶ್ರಮ ಎಂಬ ಪದವನ್ನು ದಕ್ಷಿಣದವರು 'ನೋದೊಂಗ್' ಎಂದೂ ಉತ್ತರದವರು 'ರೋದೊಂಗ್' ಎಂದೂ ಬರೆಯುವರು. 1953ರಲ್ಲಿ ಯುದ್ಧ ನಿಂತಾಗ, ಊರಿಗೆ ಮರಳಲೊಲ್ಲದ ಸೆರೆಯಾಳುಗಳ ವಿಚಾರವನ್ನು ನೋಡಿಕೊಂಡ ತಟಸ್ಥ ರಾಷ್ಟ್ರಗಳ ಆಯೋಗಕ್ಕೆ ಅಧ್ಯಕ್ಷರಾಗಿದ್ದವರು ನಮ್ಮ ಕೊಡಗಿನ ಜನರಲ್ ತಿಮ್ಮಯ್ಯನವರು. ಅಂದು ಎಳೆದ ಗೆರೆಯ ಎರಡೂ ಬದಿಯವರು 2005ರಲ್ಲಿ ಕೂಡಿ ಒಂದೇ ನಿಘಂಟನ್ನು ರಚಿಸುವ ಕೆಲಸ ಆರಂಭಿಸಿದರೆಂಬುದು ಸಮಾಧಾನದ ಸುದ್ದಿ. ರಾಜಕೀಯದಿಂದಾಗಿ ಅದು ಮತ್ತೆ ಮತ್ತೆ ಕುಂಟಿತೆಂಬುದು ವ್ಯಸನದ ಸುದ್ದಿ. ಇನ್ನು, 1937ರಲ್ಲಿ ಸ್ಟಾಲಿನ್ನನ ಸರ್ಕಾರ ರಷ್ಯದ ಮೂಡಣ ಗಡಿಯಿಂದ 1,70,000ಕ್ಕೂ ಹೆಚ್ಚು ಕೊರಿಯನ್ನರನ್ನು ರೈಲುಗಳಲ್ಲಿ ತುಂಬಿ ಮಧ್ಯ ಏಷ್ಯಕ್ಕೆ ಸಾಗಿಸಿತು. ಕಜಕಿಸ್ತಾನ, ಉಜ್ಬೇಕಿಸ್ತಾನಗಳಲ್ಲಿ ಅವರ ಮುದುಕರು ಆಡುವ 'ಕೊರ್ಯೊ ಮಾರ್' ಎಂಬ ನುಡಿ ಹಮ್‌ಗ್ಯೋಂಗ್ ಸೀಮೆಯ ಹಳೆಯ ಮಾತೇ. ಅವರ ಮೊಮ್ಮಕ್ಕಳು ರಷ್ಯನ್ ಆಡುತ್ತಾರೆ.

ಕೊನೆಗೆ ಜೇಜುವಿಗೆ ಬರೋಣ. ಈ ದ್ವೀಪದ ಮಾತು ಸಿಯೋಲಿನವರಿಗೆ ಅರ್ಥವೇ ಆಗದಷ್ಟು ಬೇರೆ. ಅದನ್ನು ಬೇರೆ ಭಾಷೆಯೆಂದೇ ಎಣಿಸುವ ವಿದ್ವಾಂಸರಿದ್ದಾರೆ. 2022ರಲ್ಲಿ ಜೇಜುವಿನ ಜನಜೀವನದ ಕಿರುತೆರೆ ನಾಟಕವೊಂದು ಪ್ರಸಾರವಾದಾಗ ಕೊರಿಯನ್ನರಿಗೇ ಕೊರಿಯನ್ ಅಕ್ಷರಗಳಲ್ಲಿ ಅರ್ಥ ತೋರಿಸಬೇಕಾಯಿತು. ಸೆಜೋಂಗನ 28 ಅಕ್ಷರಗಳಲ್ಲಿ ಕಳೆದುಹೋದ ಒಂದು ಸ್ವರ, ಅ ಮತ್ತು ಒ ಎರಡರ ನಡುವಿನ ದನಿ, ಅಲ್ಲಿಯ ಹಿರಿಯರ ಬಾಯಲ್ಲಿ ಇನ್ನೂ ಬದುಕಿದೆ. ಹೀಗಾಗಿ ಜೇಜುವಿನ ಮುದುಕಿಗೆ ಕುದುರೆ ಬೇರೆ, ಮಾತು ಬೇರೆ. ಎರಡನ್ನೂ ಆಕೆ ಬೇರೆ ಬೇರೆ ಸ್ವರದಲ್ಲಿಯೇ ನುಡಿಯುತ್ತಾಳೆ.

ಆ ದ್ವೀಪ ಕಂಡ ದುಃಖ ಅಷ್ಟಿಷ್ಟಲ್ಲ. 1948ರಲ್ಲಿ ದಂಗೆ ಎದ್ದು, ಅದನ್ನು ಅಡಗಿಸುವ ನೆಪದಲ್ಲಿ 1954ರವರೆಗೆ ನಡೆದ ಹತ್ಯೆಗಳಲ್ಲಿ 25,000ದಿಂದ 30,000 ಜನ ಸತ್ತರೆಂದು ಅಂದಾಜು. ಹಳ್ಳಿಗೆ ಹಳ್ಳಿಗಳೇ ಸುಟ್ಟವು. ಎಷ್ಟೋ ಜನ ಜಪಾನಿನ ಒಸಾಕಕ್ಕೆ ಓಡಿದರು. ಉಳಿದವರ ಮಕ್ಕಳು ಶಾಲೆಯಲ್ಲಿ ಸಿಯೋಲಿನ ಮಾತು ಕಲಿತರು. 2010ರ ಡಿಸೆಂಬರಿನಲ್ಲಿ ಯುನೆಸ್ಕೊ ಸಂಸ್ಥೆ ಜೇಜುವಿನ ನುಡಿಯನ್ನು ಅಳಿವಿನ ಅಂಚಿನಲ್ಲಿರುವ ಭಾಷೆಗಳ ಪಟ್ಟಿಗೆ ಸೇರಿಸಿತು. ನಿರರ್ಗಳವಾಗಿ ಆಡಬಲ್ಲವರು ಆಗ 5,000ದಿಂದ 10,000 ಎಂದು ಎಣಿಕೆ. ಅವರಲ್ಲಿ ಬಹುಮಂದಿ ಎಪ್ಪತ್ತು ದಾಟಿದವರು. ದ್ವೀಪದ ಆಡಳಿತ 2007ರಲ್ಲಿಯೇ ನುಡಿಯ ರಕ್ಷಣೆಗೆ ಶಾಸನ ಮಾಡಿತ್ತು. ಆದರೆ ಶಾಸನವು ಅಡುಗೆಮನೆಯಲ್ಲಿ ಮಾತಾಡಲಾರದು. ಅಲ್ಲಿ ಮಾತಾಡಬೇಕಾದವರು ಅಜ್ಜಿ ಮತ್ತು ಮೊಮ್ಮಗಳು.

ಶಿಷ್ಟಭಾಷೆ ಬೇಡವೆಂದು ನನ್ನ ವಾದವಲ್ಲ. ಅದಿಲ್ಲದಿದ್ದರೆ ಬುಸಾನಿನವನ ಕಾಗದ ಸಿಯೋಲಿನವನಿಗೆ ತಲುಪಿಯೂ ತಲುಪದಂತಾಗುತ್ತಿತ್ತು. ಸೆರೆಮನೆಯಲ್ಲಿ ಮಡಿದ ಆ ಇಬ್ಬರ ತ್ಯಾಗವೂ ವ್ಯರ್ಥವಾಗುತ್ತಿತ್ತು. ಶಿಷ್ಟಭಾಷೆ ಊರುಗಳನ್ನು ಕೂಡಿಸುವ ಹೆದ್ದಾರಿ. ಹೆದ್ದಾರಿ ಬೇಕು, ಆದರೆ ಹೆದ್ದಾರಿಯಲ್ಲಿ ಯಾರೂ ಮನೆ ಕಟ್ಟುವುದಿಲ್ಲ. ಸೆಜೋಂಗನ ಚುಕ್ಕೆಯ ಅರ್ಥವನ್ನು ವಿದ್ವಾಂಸರಿಗೆ ತಿಳಿಸಿಕೊಟ್ಟದ್ದು ಬರಿಯ ಪುಸ್ತಕವಲ್ಲ. ಗ್ಯೋಂಗ್‌ಸಾಂಗ್‌ನ ರೈತನ ದನಿಯೂ ಅದಕ್ಕೆ ಸಾಕ್ಷಿ ನುಡಿಯಿತು. ಒಂದು ಸೀಮೆಯ ಮಾತು ನಿಂತುಹೋದರೆ ಅಂಥ ಸಾಕ್ಷಿಯೊಬ್ಬ ತೀರಿಕೊಂಡಂತೆ.

ಗಾದೆಯ ಪ್ರಕಾರ ಮನುಷ್ಯ ಸಿಯೋಲಿಗೆ ಹೋಗಲಿ. ಮಾತು ಅವನೊಡನೆ ಹೋಗಿ, ಆಗಾಗ ಊರಿಗೂ ಬಂದು ಹೋಗುತ್ತಿರಲಿ. ನೀವೂ ಈ ಸಲ ಊರಿಗೆ ಹೋದಾಗ ಹಿರಿಯರ ಬಾಯಲ್ಲಿ ಮಾತ್ರ ಉಳಿದಿರುವ ನಾಲ್ಕು ಪದಗಳನ್ನು ಕೇಳಿ ಬರೆದಿಟ್ಟುಕೊಳ್ಳಿ. ಕೊರಿಯದ ಹುಡುಗರು ರಜೆಯಲ್ಲಿ ಮಾಡಿದ ಕೆಲಸ ಅದೇ. ಒಂದು ಭಾಷೆಯ ನಿಘಂಟು ಆರಂಭವಾದದ್ದು ಅಲ್ಲಿಂದಲೇ.