ಆಟದ ಫೈಲು ಕೆಟ್ಟಾಗ



ಪರೀಕ್ಷೆ ಮುಗಿದಿದೆ, ರಜೆ ಬಂದಿದೆ. ವಾರಗಟ್ಟಲೆ ಆಡಿ ಒಂದು ಆಟದ ಕೊನೆಯ ಹಂತಕ್ಕೆ ಬಂದಿದ್ದೀರಿ. ಒಂದು ಸಂಜೆ ಆಟ ತೆರೆದರೆ ಪರದೆಯ ಮೇಲೆ ಒಂದೇ ಸಾಲು: ಫೈಲು ಕರಪ್ಟ್ ಆಗಿದೆ, ತೆರೆಯಲು ಬರುವುದಿಲ್ಲ. ಕೂಡಲೇ ಸಲಹೆಗಳು ಶುರುವಾಗುತ್ತವೆ. ಒಬ್ಬ ಗೆಳೆಯ, ಆಟವನ್ನು ತೆಗೆದುಹಾಕಿ ಮತ್ತೆ ಹಾಕು ಎನ್ನುತ್ತಾನೆ. ಇನ್ನೊಬ್ಬ, ಫಾರ್ಮ್ಯಾಟ್ ಮಾಡಿಬಿಡು ಎನ್ನುತ್ತಾನೆ. ಮನೆಯ ಹಿರಿಯರು, ಹೋದರೆ ಹೋಗಲಿ ಬಿಡು, ಒಳ್ಳೆಯದೇ ಆಯಿತು ಎನ್ನುತ್ತಾರೆ. ಈ ಮೂರೂ ಸಲಹೆಗಳನ್ನು ಒಂದು ಗಳಿಗೆ ಬದಿಗಿಡೋಣ. ಕೆಟ್ಟದ್ದು ಯಾವುದು, ಅದು ಮತ್ತೆ ಸಿಗುವಂಥದೋ ಸಿಗದಂಥದೋ ಎಂಬುದನ್ನು ತಿಳಿಯದೆ ಯಾವ ಗುಂಡಿಯನ್ನೂ ಒತ್ತಬಾರದು. ಈ ಉಪನ್ಯಾಸದ ತಿರುಳು ಇಷ್ಟೇ.

ಕಂಪ್ಯೂಟರಿನಲ್ಲಾಗಲಿ, ಟಿವಿಗೆ ಜೋಡಿಸಿ ಆಡುವ ಪ್ಲೇಸ್ಟೇಷನ್, ಎಕ್ಸ್‌ಬಾಕ್ಸ್, ನಿಂಟೆಂಡೊ ಮುಂತಾದ ಕನ್ಸೋಲುಗಳಲ್ಲಾಗಲಿ, ಒಂದು ಆಟಕ್ಕೆ ಎರಡು ಬಗೆಯ ಫೈಲುಗಳಿರುತ್ತವೆ. ಮೊದಲನೆಯದು ಆಟ ತಯಾರಿಸಿದವರು ಕೊಟ್ಟದ್ದು. ಚಿತ್ರಗಳು, ಧ್ವನಿ, ಆಟದ ನಿಯಮಗಳನ್ನು ನಡೆಸುವ ಪ್ರೋಗ್ರಾಮು ಇವೆಲ್ಲ ಅದರಲ್ಲಿ ಸೇರಿವೆ. ಅದು 50 ಗಿಗಾಬೈಟಿನಷ್ಟು ದೊಡ್ಡದಿರಬಹುದು. ಎರಡನೆಯದು ನೀವು ಆಡುತ್ತ ಆಡುತ್ತ ಬೆಳೆಸಿದ ಸೇವ್ ಫೈಲು. ಎಷ್ಟು ಹಂತ ದಾಟಿದಿರಿ, ಏನೇನು ಗಳಿಸಿದಿರಿ ಎಂಬ ಲೆಕ್ಕ ಅದರಲ್ಲಿದೆ. ಅನೇಕ ಆಟಗಳಲ್ಲಿ ಅದು ಕೆಲವೇ ಕಿಲೋಬೈಟು ಅಥವಾ ಮೆಗಾಬೈಟು. ಆದರೆ ಆ ದೊಡ್ಡ ಫೈಲಿಗೆ ಲೋಕದಲ್ಲಿ ಸಾವಿರಾರು ಪ್ರತಿಗಳಿವೆ, ಈ ಚಿಕ್ಕ ಫೈಲಿಗೆ ಇರುವುದು ಒಂದೇ ಪ್ರತಿ.

ಈ ವ್ಯತ್ಯಾಸವನ್ನು ತಿಳಿಯಲು ಗದಗ ಜಿಲ್ಲೆಯ ವಿದ್ಯಾರ್ಥಿಗಳು ದೂರ ಹೋಗಬೇಕಾಗಿಲ್ಲ. ಗದುಗಿನ ವೀರನಾರಾಯಣ ದೇವಸ್ಥಾನದಲ್ಲಿ ಕುಳಿತು ಕುಮಾರವ್ಯಾಸ ತನ್ನ ಭಾರತವನ್ನು ರಚಿಸಿದನೆಂಬುದು ನಮ್ಮ ನಾಡಿನ ನಂಬಿಕೆ. ಆ ಕಾವ್ಯವನ್ನು ಊರೂರುಗಳಲ್ಲಿ ಲಿಪಿಕಾರರು ಓಲೆಗರಿಗೆ, ಕಾಗದಕ್ಕೆ ನಕಲು ಮಾಡಿದರು. ಒಂದು ಪ್ರತಿಯಲ್ಲಿ ಹುಳು ತಿಂದ ಅಕ್ಷರ ಇನ್ನೊಂದು ಪ್ರತಿಯಲ್ಲಿ ಉಳಿದಿರುತ್ತದೆ. ಆದ್ದರಿಂದ ವಿದ್ವಾಂಸರು ಪ್ರತಿಗಳನ್ನು ಹೋಲಿಸಿ ಪಾಠವನ್ನು ನಿರ್ಧರಿಸಬಹುದು. ಇನ್ನು ಲಕ್ಷ್ಮೇಶ್ವರಕ್ಕೆ ಬನ್ನಿ. ಹಳೆಯ ಪುಲಿಗೆರೆಯಾದ ಈ ಊರಿನಲ್ಲಿ ಅನೇಕ ಶಾಸನಗಳು ದೊರೆತಿವೆ. ಕಲ್ಲು ಓಲೆಗಿಂತ ಗಟ್ಟಿ, ನಿಜ. ಆದರೆ ಕಲ್ಲಿನ ಶಾಸನಕ್ಕೆ ಸಾಮಾನ್ಯವಾಗಿ ಇರುವುದು ಒಂದೇ ಪ್ರತಿ. ಒಂದು ಮೂಲೆ ಒಡೆದುಹೋದರೆ, ಶಾಸನವನ್ನು ಅಚ್ಚು ಹಾಕಿಸುವವರು ಆ ಜಾಗದಲ್ಲಿ ಚುಕ್ಕಿಗಳನ್ನಿಟ್ಟು ಮುಂದೆ ಹೋಗಬೇಕು. ನಿಮ್ಮ ಆಟದ ದೊಡ್ಡ ಫೈಲು ಗದುಗಿನ ಭಾರತದಂತೆ, ನಿಮ್ಮ ಸೇವ್ ಫೈಲು ಪುಲಿಗೆರೆಯ ಶಾಸನದಂತೆ.

ಫೈಲು ಕೆಡುವುದೆಂದರೆ ಏನು? ಫೈಲೆಂದರೆ ಸೊನ್ನೆ ಮತ್ತು ಒಂದುಗಳ ಉದ್ದನೆಯ ಸಾಲು. ಆ ಸಾಲಿನಲ್ಲಿ ಕೆಲವು ಅಂಕೆಗಳು ಬದಲಾದರೆ, ಬಿಟ್ಟುಹೋದರೆ ಅಥವಾ ಅರ್ಧಕ್ಕೆ ನಿಂತರೆ ಫೈಲು ಕೆಟ್ಟಿತು. ಕಾರಣಗಳು ಹಲವು. ಶಿರಹಟ್ಟಿಯಲ್ಲೋ ಮುಂಡರಗಿಯಲ್ಲೋ ಗುಡುಗು ಮಳೆಗೆ ಕರೆಂಟು ಹೋಗುವುದು ಹೊಸದೇನಲ್ಲ. ಆಟ ಸೇವ್ ಆಗುತ್ತಿರುವ ಕ್ಷಣದಲ್ಲೇ ಕರೆಂಟು ಹೋದರೆ ಅರ್ಧ ಬರೆದ ಫೈಲು ಉಳಿಯುತ್ತದೆ. ಪೆನ್ ಡ್ರೈವನ್ನು ಒಮ್ಮೆಲೇ ಕಿತ್ತರೂ ಹೀಗೆಯೇ. ಡಿಸ್ಕಿನಲ್ಲಿ ಜಾಗ ತುಂಬಿರಬಹುದು, ಡೌನ್‌ಲೋಡು ನಡುವೆ ಕಡಿದಿರಬಹುದು, ಹಾರ್ಡ್ ಡಿಸ್ಕು ಹಳತಾಗಿರಬಹುದು, ಸಿಡಿಯ ಮೇಲೆ ಗೀರು ಬಿದ್ದಿರಬಹುದು.

ಕೆಟ್ಟಿದೆ ಎಂಬುದು ಯಂತ್ರಕ್ಕೆ ತಿಳಿಯುವುದು ಹೇಗೆ? ಪ್ರೌಢಶಾಲೆಯಲ್ಲಿ ಭಾಮಿನಿ ಷಟ್ಪದಿಗೆ ಪ್ರಸ್ತಾರ ಹಾಕಿದ್ದು ನೆನಪು ಮಾಡಿಕೊಳ್ಳಿ. ಒಂದು, ಎರಡು, ನಾಲ್ಕು, ಐದನೆಯ ಸಾಲುಗಳಲ್ಲಿ 14 ಮಾತ್ರೆಗಳು. ಮೂರು ಮತ್ತು ಆರನೆಯ ಸಾಲುಗಳಲ್ಲಿ 23 ಮಾತ್ರೆಗಳು. ಒಟ್ಟು 102. ಜೊತೆಗೆ ಪ್ರತಿ ಸಾಲಿನ ಎರಡನೆಯ ಅಕ್ಷರದಲ್ಲಿ ಪ್ರಾಸ. ನಕಲು ಮಾಡುವವನು ಒಂದು ಅಕ್ಷರ ಬಿಟ್ಟರೆ ಮಾತ್ರೆ ಕಡಿಮೆಯಾಗುತ್ತದೆ, ಪ್ರಾಸದ ಅಕ್ಷರ ತಪ್ಪಿದರೆ ಕಿವಿಗೆ ಗೊತ್ತಾಗುತ್ತದೆ. ಅರ್ಥ ತಿಳಿಯದವನೂ ಎಣಿಸಿ ನೋಡಿ, ಇಲ್ಲೇನೋ ತಪ್ಪಿದೆ ಎಂದು ಹೇಳಬಲ್ಲ. ಕಂಪ್ಯೂಟರು ಮಾಡುವುದೂ ಇದನ್ನೇ. ಫೈಲಿನ ಎಲ್ಲ ಅಂಕೆಗಳನ್ನು ಒಂದು ಲೆಕ್ಕಕ್ಕೆ ಹಾಕಿ, ಬಂದ ಉತ್ತರವನ್ನು ಫೈಲಿನ ಜೊತೆಗೋ ಬೇರೆ ಪಟ್ಟಿಯಲ್ಲೋ ಬರೆದಿಡುತ್ತದೆ. ಇದಕ್ಕೆ ಚೆಕ್‌ಸಮ್ ಎಂದು ಹೆಸರು. ಮತ್ತೆ ತೆರೆಯುವಾಗ ಲೆಕ್ಕವನ್ನು ಇನ್ನೊಮ್ಮೆ ಮಾಡಿ ಎರಡೂ ಉತ್ತರಗಳನ್ನು ಹೋಲಿಸುತ್ತದೆ. ಸಿಆರ್‌ಸಿ 32 ಎಂಬ ಬಳಕೆಯ ಲೆಕ್ಕದಲ್ಲಿ ಸುಮಾರು 429 ಕೋಟಿ ಬೇರೆ ಬೇರೆ ಉತ್ತರಗಳು ಸಾಧ್ಯ. ಕೆಟ್ಟ ಫೈಲಿಗೂ ಅದೇ ಉತ್ತರ ಬರುವ ಸಂಭವ ಬಹಳ ಕಡಿಮೆ. ನಿಮ್ಮ ಆಧಾರ್ ಸಂಖ್ಯೆಯ 12ನೆಯ ಅಂಕೆಯೂ ಇಂಥದೇ ಕಾವಲುಗಾರ. ಬರೆಯುವಾಗ ಒಂದು ಅಂಕೆ ತಪ್ಪಿದರೆ, ಅಥವಾ ಪಕ್ಕದ ಎರಡು ಬೇರೆ ಬೇರೆ ಅಂಕೆಗಳು ಅದಲುಬದಲಾದರೆ, ಅದು ಹಿಡಿದುಕೊಡುತ್ತದೆ.

ತಪ್ಪಿದೆ ಎಂದು ತಿಳಿಯುವುದು ಬೇರೆ, ಸರಿ ಯಾವುದು ಎಂದು ತಿಳಿಯುವುದು ಬೇರೆ. ಒಂದು ಅಂಕಪಟ್ಟಿಯನ್ನು ತೆಗೆದುಕೊಳ್ಳಿ. ಆರು ವಿಷಯಗಳ ಅಂಕಗಳು 112, 84, 91, 78, 88, 95. ಒಟ್ಟು 548. ನೀರು ಬಿದ್ದು ನಾಲ್ಕನೆಯ ವಿಷಯದ ಅಂಕ ಅಳಿಸಿಹೋಯಿತು ಎನ್ನಿ. ಉಳಿದವನ್ನು ಕೂಡಿದರೆ 470. ಅದನ್ನು 548ರಿಂದ ಕಳೆದರೆ 78 ಮರಳಿ ಸಿಕ್ಕಿತು. ಎರಡು ಅಂಕಗಳು ಅಳಿಸಿದ್ದರೆ ಈ ಉಪಾಯ ನಡೆಯದು. ಇನ್ನೂ ಹೆಚ್ಚಿನ ಮೊತ್ತಗಳನ್ನು ಜಾಣತನದಿಂದ ಬರೆದಿಟ್ಟರೆ ಹೆಚ್ಚು ತಪ್ಪುಗಳನ್ನು ತಿದ್ದಬಹುದು. ಅಮೆರಿಕದ ಬೆಲ್ ಪ್ರಯೋಗಾಲಯದ ರಿಚರ್ಡ್ ಹ್ಯಾಮಿಂಗ್ 1950ರಲ್ಲಿ ಇದರ ಗಣಿತವನ್ನು ಪ್ರಕಟಿಸಿದರು. 1960ರಲ್ಲಿ ರೀಡ್ ಮತ್ತು ಸಾಲೊಮನ್ ಎಂಬ ಇಬ್ಬರು ಇನ್ನೂ ಸಮರ್ಥವಾದ ವಿಧಾನವನ್ನು ಕೊಟ್ಟರು. ಸಿಡಿಯಲ್ಲಿ ಇರುವುದು ಅದೇ ವಿಧಾನ. ಹಾಡಿನ ಜಾಡಿನಲ್ಲಿ ಸುಮಾರು ಎರಡೂವರೆ ಮಿಲಿಮೀಟರಿನಷ್ಟು ಅಳಿಸಿಹೋದರೂ ಸಿಡಿ ಅದನ್ನು ಪೂರ್ತಿ ತುಂಬಿಕೊಳ್ಳಬಲ್ಲದು. ಬೆಟಗೇರಿಯ ಸಂತೆಯಲ್ಲಿ ಹಣ ಕೊಡಲು ಫೋನು ಹಿಡಿಯುವ ಕ್ಯೂಆರ್ ಚೌಕವನ್ನೂ ನೋಡಿ. ಮೂಲೆಯಲ್ಲಿ ಸ್ವಲ್ಪ ಹರಿದು, ಮಣ್ಣು ಮೆತ್ತಿದ್ದರೂ ಅದು ಓದಿಸಿಕೊಳ್ಳುತ್ತದೆ. ಅಲ್ಲಿಯೂ ರೀಡ್ ಮತ್ತು ಸಾಲೊಮನ್ ಅವರ ಗಣಿತವೇ ಇದೆ.

ಈಗ ದುರಸ್ತಿಗೆ ಬರೋಣ. ಕೆಟ್ಟದ್ದು ಆಟದ ದೊಡ್ಡ ಫೈಲಾದರೆ ಚಿಂತೆಯಿಲ್ಲ, ಒಳ್ಳೆಯ ಪ್ರತಿಯೊಂದಿಗೆ ಹೋಲಿಸಿದರೆ ಸಾಕು. ಕಂಪ್ಯೂಟರಿನಲ್ಲಿ ಸ್ಟೀಮ್ ಮೂಲಕ ಆಡುವವರು ಲೈಬ್ರರಿಯಲ್ಲಿ ಆಟದ ಹೆಸರಿನ ಮೇಲೆ ಮೌಸಿನ ಬಲಗುಂಡಿ ಒತ್ತಿ, ಪ್ರಾಪರ್ಟೀಸ್, ಅದರೊಳಗೆ ಇನ್‌ಸ್ಟಾಲ್ಡ್ ಫೈಲ್ಸ್ ತೆರೆದು, ವೆರಿಫೈ ಎಂಬುದನ್ನು ಆರಿಸಬೇಕು. ಅದು ಪ್ರತಿ ಫೈಲನ್ನೂ ಪರೀಕ್ಷಿಸಿ, ತಾಳೆಯಾಗದ ಭಾಗಗಳನ್ನು ಮಾತ್ರ ಮತ್ತೆ ತರಿಸುತ್ತದೆ. 50 ಗಿಗಾಬೈಟನ್ನು ಮತ್ತೆ ಇಳಿಸುವ ಖರ್ಚು ಉಳಿಯಿತು. ನಿಂಟೆಂಡೊ ಸ್ವಿಚ್‌ನಲ್ಲಿ ಆಟದ ಚಿತ್ರದ ಮೇಲೆ ನಿಂತು ಪ್ಲಸ್ ಗುಂಡಿ ಒತ್ತಿದರೆ, ಮ್ಯಾನೇಜ್ ಸಾಫ್ಟ್‌ವೇರ್ ಎಂಬಲ್ಲಿ ಚೆಕ್ ಫಾರ್ ಕರಪ್ಟ್ ಡೇಟಾ ಇದೆ. ಪ್ಲೇಸ್ಟೇಷನ್ 4 ಮತ್ತು 5ರಲ್ಲಿ ಯಂತ್ರವನ್ನು ಪೂರ್ತಿ ಆರಿಸಿ, ಪವರ್ ಗುಂಡಿಯನ್ನು ಎರಡನೆಯ ಸದ್ದು ಬರುವವರೆಗೆ ಒತ್ತಿ ಹಿಡಿಯಿರಿ. ಸುಮಾರು ಏಳು ಸೆಕೆಂಡು ಬೇಕು. ಕಂಟ್ರೋಲರನ್ನು ತಂತಿಯಿಂದ ಜೋಡಿಸಿದರೆ ಸೇಫ್ ಮೋಡ್ ಪಟ್ಟಿ ಕಾಣುತ್ತದೆ. ಅದರಲ್ಲಿ ಐದನೆಯದು ರೀಬಿಲ್ಡ್ ಡೇಟಾಬೇಸ್. ಡಿಸ್ಕಿನಲ್ಲಿರುವ ವಸ್ತುಗಳ ಪಟ್ಟಿಯನ್ನು ಅದು ಹೊಸದಾಗಿ ಬರೆಯುತ್ತದೆ. ಅದರ ಕೆಳಗಿನ ಇನಿಷಿಯಲೈಸ್ ಅಥವಾ ರೀಸೆಟ್ ಎಂಬ ಸಾಲುಗಳ ಹತ್ತಿರ ಹೋಗಬೇಡಿ, ಅವು ಎಲ್ಲವನ್ನೂ ಅಳಿಸುತ್ತವೆ.

ಕೆಟ್ಟದ್ದು ಸೇವ್ ಫೈಲಾದರೆ ನಿಧಾನವಾಗಿ ಹೆಜ್ಜೆ ಇಡಬೇಕು. ಮೊದಲು ಇಂಟರ್ನೆಟ್ ಸಂಪರ್ಕ ಕಡಿಯಿರಿ. ಇಲ್ಲವಾದರೆ ಕೆಟ್ಟ ಫೈಲೇ ಮೇಲಕ್ಕೆ ಹೋಗಿ, ಕ್ಲೌಡಿನಲ್ಲಿರುವ ಒಳ್ಳೆಯ ಪ್ರತಿಯ ಜಾಗದಲ್ಲಿ ಕೂರಬಹುದು. ಎರಡನೆಯದಾಗಿ, ಕಂಪ್ಯೂಟರಿನಲ್ಲಾದರೆ ಕೆಟ್ಟ ಫೈಲನ್ನೇ ಬೇರೆ ಕಡೆ ನಕಲು ಮಾಡಿಡಿ. ಟೆಲಿವಿಷನ್ ಕೆಲಸದಲ್ಲಿ ಮೂಲ ಟೇಪಿನ ಮೇಲೆ ಕತ್ತರಿ ಆಡಿಸದೆ ನಕಲಿನ ಮೇಲೆ ಆಡಿಸುವುದು ರೂಢಿ. ಇಲ್ಲಿಯೂ ಎಲ್ಲ ಪ್ರಯೋಗ ನಕಲಿನ ಮೇಲೆಯೇ ನಡೆಯಲಿ. ಮೂರನೆಯದಾಗಿ, ಹಳೆಯ ಸೇವ್ ಹುಡುಕಿ. ಅನೇಕ ಆಟಗಳು ತಾವಾಗಿಯೇ ಎರಡು ಮೂರು ಹಿಂದಿನ ಸೇವ್‌ಗಳನ್ನು ಇಟ್ಟುಕೊಂಡಿರುತ್ತವೆ. ನಿನ್ನೆಯ ಸೇವ್ ಸಿಕ್ಕರೆ ಒಂದು ದಿನದ ಆಟ ಹೋಯಿತು, ಉಳಿದದ್ದು ಉಳಿಯಿತು. ನಾಲ್ಕನೆಯದಾಗಿ, ಕ್ಲೌಡಿನಲ್ಲಿ ಪ್ರತಿ ಇದೆಯೇ ನೋಡಿ. ಎರಡು ಪ್ರತಿಗಳಲ್ಲಿ ಯಾವುದು ಬೇಕೆಂದು ಯಂತ್ರ ಕೇಳಿದರೆ ಅವಸರ ಬೇಡ, ದಿನಾಂಕ ಮತ್ತು ಗಾತ್ರ ಓದಿ ಆರಿಸಿ. ಸೊನ್ನೆ ಕಿಲೋಬೈಟು ಎಂದಿರುವುದು ಎಷ್ಟು ಹೊಸದಾದರೂ ಬರಿದಾದ ಚೀಲ. ಯಾವ ಫೈಲನ್ನಾದರೂ ಸರಿಮಾಡುತ್ತೇವೆಂದು ಹೇಳುವ ಅಪರಿಚಿತ ಪ್ರೋಗ್ರಾಮುಗಳನ್ನು ಹಾಕಬೇಡಿ. ಇಲ್ಲದ ಅಂಕೆಗಳನ್ನು ಅವು ಎಲ್ಲಿಂದ ತಂದಾವು? ವೈರಸ್ಸನ್ನು ಮಾತ್ರ ತರಬಲ್ಲವು.

ಬೇರೆ ಬೇರೆ ಆಟಗಳ ಫೈಲುಗಳು ಪದೇ ಪದೇ ಕೆಡುತ್ತಿದ್ದರೆ ದೋಷ ಆಟದಲ್ಲಿಲ್ಲ. ಡಿಸ್ಕಿನ ಕಡೆ, ಕಂಪ್ಯೂಟರಿನ ಮೆಮೊರಿಯ ಕಡೆ ಸಂಶಯ ಹೋಗಬೇಕು. ಹಾರ್ಡ್ ಡಿಸ್ಕು ಟಿಕ್ ಟಿಕ್ ಸದ್ದು ಮಾಡುತ್ತಿದ್ದರೆ ದುರಸ್ತಿಗೂ ಮುಂಚೆ ಬೇಕಾದದ್ದನ್ನೆಲ್ಲ ಹೊರಗೆ ತೆಗೆದಿಡಿ.

ಇನ್ನು ನಿಮ್ಮಲ್ಲಿ ಹೆಚ್ಚಿನವರು ಆಡುವುದು ಫೋನಿನಲ್ಲಿ. ಅಲ್ಲಿ ಎರಡು ಗುಂಡಿಗಳ ಅಂತರ ತಿಳಿದಿರಲಿ. ಕ್ಲಿಯರ್ ಕ್ಯಾಶ್ ಎಂಬುದು ತಾತ್ಕಾಲಿಕ ಫೈಲುಗಳನ್ನು ಮಾತ್ರ ಗುಡಿಸುತ್ತದೆ. ಕ್ಲಿಯರ್ ಡೇಟಾ ಅಥವಾ ಕ್ಲಿಯರ್ ಸ್ಟೋರೇಜ್ ಎಂಬುದು ಫೋನಿನಲ್ಲಿರುವ ನಿಮ್ಮ ಗಳಿಕೆಯನ್ನೂ ಗುಡಿಸುತ್ತದೆ. ಇಂಟರ್ನೆಟ್ ಮೂಲಕ ಆಡುವ ಆಟಗಳಲ್ಲಿ ನಿಮ್ಮ ಲೆಕ್ಕ ಸಾಮಾನ್ಯವಾಗಿ ಕಂಪನಿಯ ಯಂತ್ರದಲ್ಲಿರುತ್ತದೆ. ಆದರೆ ಖಾತೆ ತೆರೆಯದೆ ಗೆಸ್ಟ್ ಆಗಿ ಆಡಿದರೆ ಅದು ನಿಮ್ಮದೆಂದು ತೋರಿಸಲು ಆಧಾರವೇ ಇರದಿರಬಹುದು.

ಕರೆಂಟು ಹೋದರೂ ಕಂಪ್ಯೂಟರು ಪ್ರತಿ ಸಲ ಕೆಡುವುದಿಲ್ಲವಲ್ಲ, ಏಕೆ? ಗದಗಿನ ದಲಾಲಿ ಅಂಗಡಿಯ ಲೆಕ್ಕ ಬಲ್ಲವರಿಗೆ ಉತ್ತರ ಗೊತ್ತು. ಗುಮಾಸ್ತರು ವ್ಯವಹಾರವನ್ನು ಮೊದಲು ಕಿರ್ದಿಯಲ್ಲಿ ಬರೆದು, ಆಮೇಲೆ ಖಾತೆ ಪುಸ್ತಕಕ್ಕೆ ಏರಿಸುತ್ತಾರೆ. ಖಾತೆ ಅರ್ಧಕ್ಕೆ ನಿಂತಿದ್ದರೆ ಕಿರ್ದಿ ನೋಡಿ ಪೂರ್ತಿ ಮಾಡಬಹುದು. ವಿಂಡೋಸ್, ಲಿನಕ್ಸ್ ಮುಂತಾದವೂ ಡಿಸ್ಕಿನಲ್ಲಿ ಇಂಥ ಒಂದು ಕಿರ್ದಿ ಇಡುತ್ತವೆ. ಅದಕ್ಕೆ ಜರ್ನಲ್ ಎಂದು ಹೆಸರು. ಅದು ಕಾಪಾಡುವುದು ಮುಖ್ಯವಾಗಿ ಯಾವ ಫೈಲು ಎಲ್ಲಿದೆ ಎಂಬ ವ್ಯವಸ್ಥೆಯನ್ನು. ಫೈಲಿನ ಒಳಗಿನ ಬರಹವನ್ನು ಆಟ ಬರೆದವರೇ ಕಾಪಾಡಬೇಕು. ಎಚ್ಚರವುಳ್ಳವರು ಹಳೆಯ ಸೇವ್ ಮೇಲೆ ಬರೆಯದೆ, ಹೊಸ ಫೈಲನ್ನು ಪೂರ್ತಿ ಬರೆದು, ಪರೀಕ್ಷಿಸಿ, ಆಮೇಲೆ ಹೆಸರು ಬದಲಿಸುತ್ತಾರೆ. ನಿಮ್ಮಲ್ಲಿ ಪ್ರೋಗ್ರಾಮು ಬರೆಯುವವರಿದ್ದರೆ ಈ ಪದ್ಧತಿಯನ್ನು ಇಂದೇ ರೂಢಿಸಿಕೊಳ್ಳಿ.

ಪ್ರಿನ್ಸ್ ಆಫ್ ಪರ್ಷಿಯಾ ಎಂಬ ಆಟದ ಕಥೆ ಇಲ್ಲಿ ಹೇಳಬೇಕು. ಜೋರ್ಡಾನ್ ಮೆಕ್ನರ್ ಅದನ್ನು ಆಪಲ್ 2 ಕಂಪ್ಯೂಟರಿಗಾಗಿ ಬರೆದರು. 1989ರಲ್ಲಿ ಆಟ ಹೊರಬಂತು, ಲೋಕವೆಲ್ಲ ಆಡಿತು. ಆದರೆ ಅವರು ಕೈಯಾರೆ ಬರೆದ ಮೂಲ ಪ್ರೋಗ್ರಾಮು ಎಲ್ಲಿದೆಯೆಂದು ಅವರಿಗೇ ಗೊತ್ತಿರಲಿಲ್ಲ. 2012ರಲ್ಲಿ ಅವರ ತಂದೆಗೆ ಮನೆಯ ಕಪಾಟಿನಲ್ಲಿ ಹಳೆಯ ಫ್ಲಾಪಿಗಳ ಒಂದು ಪೆಟ್ಟಿಗೆ ಸಿಕ್ಕಿತು. ಹಳೆಯ ಯಂತ್ರಗಳನ್ನು ಬಲ್ಲವರು ಸೇರಿ ಅವುಗಳನ್ನು ಓದಿ ನೋಡಿದರು. ಅಕ್ಷರಗಳು ಉಳಿದಿದ್ದವು. ಅವರು ಮಾಡಿದ ಮೊದಲ ಕೆಲಸವೆಂದರೆ ಎಲ್ಲವನ್ನೂ ನಕಲು ಮಾಡಿದ್ದು. ಆಮೇಲೆ ಮೆಕ್ನರ್ ಅದನ್ನು ಎಲ್ಲರಿಗೂ ಬಿಚ್ಚಿಟ್ಟರು. ಆಟಕ್ಕೆ ಲಕ್ಷಾಂತರ ಪ್ರತಿಗಳಿದ್ದವು, ಅದನ್ನು ಬರೆದ ಬರಹ ಮಾತ್ರ ಆ ಪೆಟ್ಟಿಗೆಯಲ್ಲಿತ್ತು. ಇನ್ನಷ್ಟು ವರ್ಷ ಕಳೆದಿದ್ದರೆ ಫ್ಲಾಪಿಗಳು ಏನಾಗುತ್ತಿದ್ದವೋ ಹೇಳಲಾಗದು.

ಆದ್ದರಿಂದ, ಮಿತ್ರರೇ, ವಾರಕ್ಕೊಮ್ಮೆ ನಿಮ್ಮ ಸೇವ್ ಫೈಲುಗಳ ಒಂದು ನಕಲನ್ನು ಬೇರೆ ಪೆನ್ ಡ್ರೈವಿನಲ್ಲಿ, ದಿನಾಂಕ ಬರೆದು ಇಡಿ. ಕನ್ಸೋಲಿನಲ್ಲಿ ನಕಲು ತೆಗೆಯಲು ಬರದಿದ್ದರೆ ಕ್ಲೌಡ್ ಸೌಲಭ್ಯ ಇದೆಯೇ ನೋಡಿ. ಇಟ್ಟ ನಕಲು ತೆರೆಯುತ್ತದೆಯೇ ಎಂದು ಒಮ್ಮೆ ತೆರೆದು ನೋಡಿ. ಯಂತ್ರವನ್ನು ಅಂಗಡಿಗೆ ಕೊಡುವ ಮುನ್ನ, ಫಾರ್ಮ್ಯಾಟ್ ಮಾಡಬೇಡಿ, ಮೊದಲು ನನಗೆ ಕೇಳಿ ಎಂದು ಬಾಯಿಬಿಟ್ಟು ಹೇಳಿ. ಏಕೆಂದರೆ ಅದೇ ಡಿಸ್ಕಿನಲ್ಲಿ ನಿಮ್ಮ ಕಾಲೇಜಿನ ಪ್ರಾಜೆಕ್ಟು ಇದೆ, ಅಕ್ಕನ ಮದುವೆಯ ಫೋಟೋಗಳಿವೆ, ಅಜ್ಜಿ ಹಾಡಿದ ಬೀಸುವ ಕಲ್ಲಿನ ಪದವಿದೆ. ಆಟವನ್ನು ಮತ್ತೆ ಆಡಬಹುದು. ಅಜ್ಜಿಯ ಧ್ವನಿಯನ್ನು ಯಾವ ಕಂಪನಿಯೂ ಮತ್ತೆ ಕಳುಹಿಸಿಕೊಡುವುದಿಲ್ಲ. ಆಟದ ಫೈಲಿನ ಮೇಲೆ ಈ ಅಭ್ಯಾಸ ಕಲಿತ ಕೈ ಅದನ್ನೂ ಉಳಿಸಿಕೊಳ್ಳುತ್ತದೆ.