ಹೊತ್ತಿನ ಊಟ ಮತ್ತು ಜೀರ್ಣಶಕ್ತಿ

(ಭಾಷಣದ ಪಠ್ಯ)



ಊಟ ಬಲ್ಲವನಿಗೆ ರೋಗವಿಲ್ಲ ಎಂಬ ಗಾದೆಯನ್ನು ಕೇಳದ ಕನ್ನಡಿಗರು ವಿರಳ. ಆದರೆ ಊಟವನ್ನು ಬಲ್ಲವನು ಎಂದರೆ ಯಾರು ಎಂಬ ಪ್ರಶ್ನೆಯನ್ನು ಕೇಳಿಕೊಳ್ಳುವವರು ಅದಕ್ಕಿಂತಲೂ ವಿರಳ. ಏನನ್ನು ಉಣ್ಣಬೇಕು ಎಂಬ ವಿಚಾರವಾಗಿ ಇಂದು ಬೇಕಾದಷ್ಟು ಹೇಳಲಾಗುತ್ತಿದೆ. ಯಾವ ಹೊತ್ತಿನಲ್ಲಿ, ಎಷ್ಟು ಸಾವಧಾನದಿಂದ ಉಣ್ಣಬೇಕು ಎಂಬುದು ಮಾತ್ರ ಹಿಂದೆ ಸರಿದಿದೆ. ಊರನ್ನು ಬಿಟ್ಟು ಮಹಾನಗರಗಳಲ್ಲಿ ನೆಲೆಸಿದ ಕನ್ನಡ ಕುಟುಂಬಗಳ ಅಡುಗೆ ಅಷ್ಟಾಗಿ ಬದಲಾಗಿಲ್ಲ. ಸಾರು, ಪಲ್ಯ, ಮಜ್ಜಿಗೆ ಇಂದಿಗೂ ಉಳಿದಿವೆ. ಬದಲಾಗಿರುವುದು ಮುಖ್ಯವಾಗಿ ಊಟದ ಹೊತ್ತು.

ಡೊಂಬಿವಲಿಯಿಂದ ಮುಂಬಯಿಯ ಫೋರ್ಟ್ ವಿಭಾಗಕ್ಕೆ ದಿನನಿತ್ಯ ಹೋಗಿಬರುವ ಒಬ್ಬ ನೌಕರನ ದಿನಚರಿಯನ್ನು ಊಹಿಸಿಕೊಳ್ಳಬಹುದು. ಬೆಳಿಗ್ಗೆ ಐದೂವರೆಗೆ ಏಳುವುದು, ಒಂದು ಲೋಟ ಚಹಾ, ಏಳರ ಲೋಕಲ್ ಗಾಡಿ. ಉಪಾಹಾರವೆಂದರೆ ನಿಲ್ದಾಣದಲ್ಲಿ ನಿಂತು ತಿಂದ ಒಂದು ವಡಾ ಪಾವ್. ಮಧ್ಯಾಹ್ನದ ಡಬ್ಬಿ ಹತ್ತು ನಿಮಿಷಗಳಲ್ಲಿ ಬರಿದಾಗುತ್ತದೆ. ಮನೆ ಸೇರುವಾಗ ರಾತ್ರಿ ಎಂಟೂವರೆ. ಸ್ನಾನ, ಮಕ್ಕಳ ಪಾಠ, ದೂರದರ್ಶನ ಇವೆಲ್ಲ ಮುಗಿದು ಎಲೆ ಹಾಕುವಾಗ ಹತ್ತು ಗಂಟೆ. ದಿನದ ಅತಿ ದೊಡ್ಡ ಊಟ ಇದೇ. ಹತ್ತೂವರೆಗೆ ಹಾಸಿಗೆ. ನಡುರಾತ್ರಿಯಲ್ಲಿ ಎದೆಯುರಿಯಿಂದ, ಗಂಟಲಿಗೆ ಬಂದ ಹುಳಿನೀರಿನಿಂದ ಎಚ್ಚರವಾಗುತ್ತದೆ. ತಲೆದಿಂಬಿನ ಬಳಿ ಇರಿಸಿದ ಮಾತ್ರೆ ಉರಿಯನ್ನು ಶಮನಗೊಳಿಸುತ್ತದೆ. ಶಮನವಾದುದರಿಂದಲೇ ಮರುದಿನವೂ ಹತ್ತು ಗಂಟೆಯ ಊಟ ಮುಂದುವರಿಯುತ್ತದೆ. ಗಿರಾಕಿಗಳೆಲ್ಲ ಉಂಡೆದ್ದ ಮೇಲೆ ಮಧ್ಯಾಹ್ನ ನಾಲ್ಕಕ್ಕೆ ತಟ್ಟೆ ಹಿಡಿಯುವ ಹೋಟೆಲು ಕೆಲಸಗಾರನ ಪಾಡು, ಹೈದರಾಬಾದು ಅಥವಾ ಪುಣೆಯ ಗಣಕ ಕಂಪನಿಗಳಲ್ಲಿ ರಾತ್ರಿ ಪಾಳಿ ಮಾಡುವ ತರುಣರ ಪಾಡು ಇದಕ್ಕಿಂತ ಮೇಲೇನಲ್ಲ. ಇನ್ನು ಎಲ್ಲರಿಗೂ ಬಡಿಸಿ, ಪಾತ್ರೆ ಎತ್ತಿ, ಹನ್ನೊಂದು ಗಂಟೆಗೆ ಉಳಿದುದನ್ನು ಉಣ್ಣುವ ಮನೆಯೊಡತಿಯ ಹೊಟ್ಟೆಯ ವಿಚಾರವನ್ನು ಸಾಮಾನ್ಯವಾಗಿ ಯಾರೂ ಕೇಳುವುದೇ ಇಲ್ಲ.

ಈ ಉರಿಗೆ ಕಾರಣ ಸರಳವಾಗಿದೆ. ಅನ್ನನಾಳವು ಜಠರವನ್ನು ಸೇರುವ ಕಡೆ ಒಂದು ಸ್ನಾಯುಬಳೆ ಇದ್ದು, ಜಠರದ ಆಮ್ಲವು ಮೇಲಕ್ಕೆ ನುಗ್ಗದಂತೆ ತಡೆಯುತ್ತದೆ. ಸಾಮಾನ್ಯ ಊಟವೊಂದು ಜಠರದಿಂದ ಸಣ್ಣ ಕರುಳಿಗೆ ಸಾಗಲು ಸುಮಾರು ಮೂರು ನಾಲ್ಕು ಗಂಟೆಗಳು ಬೇಕು. ಎಣ್ಣೆ, ತುಪ್ಪ ಹೆಚ್ಚಿದ್ದರೆ ಇನ್ನೂ ತಡ. ಕುಳಿತಾಗ ಅಥವಾ ನಡೆಯುವಾಗ ಭೂಮಿಯ ಆಕರ್ಷಣೆ ಈ ಬಳೆಗೆ ನೆರವಾಗುತ್ತದೆ. ತುಂಬಿದ ಹೊಟ್ಟೆಯಲ್ಲಿ ಮಲಗಿದಾಗ ಆ ನೆರವು ತಪ್ಪಿ, ಆಮ್ಲವು ಅನ್ನನಾಳವನ್ನು ಸುಡುತ್ತದೆ. ಆದುದರಿಂದಲೇ ರಾತ್ರಿಯ ಊಟಕ್ಕೂ ನಿದ್ರೆಗೂ ನಡುವೆ ಮೂರು ಗಂಟೆಗಳ ಅಂತರವಿರಬೇಕೆಂದು ವೈದ್ಯರು ಹೇಳುತ್ತಾರೆ. ಮಂಚದ ತಲೆಯ ಭಾಗವನ್ನು ಸುಮಾರು ಅರ್ಧ ಅಡಿ ಎತ್ತರಿಸುವುದರಿಂದ, ಎಡ ಮಗ್ಗುಲಲ್ಲಿ ಮಲಗುವುದರಿಂದ ಕೂಡ ಉಪಶಮನ ದೊರೆಯುತ್ತದೆ.

ಎಂಟೂವರೆಗೆ ಮನೆ ಸೇರುವವನಿಗೆ ಏಳು ಗಂಟೆಗೇ ಉಣ್ಣೆಂದು ಉಪದೇಶಿಸುವುದು ವ್ಯರ್ಥ. ಊಟವನ್ನು ಎರಡಾಗಿ ಒಡೆಯುವುದು ಸಾಧ್ಯವಿರುವ ದಾರಿ. ಸಂಜೆ ಆರಕ್ಕೆ, ಕಚೇರಿಯಿಂದ ಹೊರಡುವ ಮೊದಲು, ಹಸಿವನ್ನು ಮುಕ್ಕಾಲು ಪಾಲು ತೀರಿಸುವಂತಹುದನ್ನು ತಿಂದರೆ ರಾತ್ರಿ ತುಸು ಅನ್ನ, ಸಾರು, ಮಜ್ಜಿಗೆ ಸಾಕಾಗುತ್ತದೆ. ಬೆಳಿಗ್ಗೆ ಕಟ್ಟಿದ ಅನ್ನ ಬೇಸಿಗೆಯಲ್ಲಿ ಸಂಜೆಯವರೆಗೆ ಕೆಡದೆ ಉಳಿಯಲಾರದು. ಉತ್ತರ ಕರ್ನಾಟಕದ ಕಡಕ್ ಜೋಳದ ರೊಟ್ಟಿ, ಶೇಂಗಾ ಚಟ್ನಿಪುಡಿ, ಹುರಿಗಡಲೆ, ಒಂದು ಬಾಳೆಹಣ್ಣು ಇವಕ್ಕೆ ಆ ಭಯವಿಲ್ಲ. ದೂರದ ಪ್ರಯಾಣಕ್ಕೆಂದು ಹಿರಿಯರು ಕಟ್ಟುತ್ತಿದ್ದ ಬುತ್ತಿ ಇಂದಿನ ಲೋಕಲ್ ಗಾಡಿಗೂ ಒಪ್ಪುತ್ತದೆ.

ಹೊತ್ತಿನ ನಂತರದ ವಿಚಾರ ಅಗಿಯುವುದು. ಪಚನಕ್ರಿಯೆ ಆರಂಭವಾಗುವುದು ಬಾಯಿಯಲ್ಲಿ. ಲಾಲಾರಸವು ಪಿಷ್ಟವನ್ನು ಒಡೆಯತೊಡಗುತ್ತದೆ, ಹಲ್ಲುಗಳು ಜಠರದ ಶ್ರಮವನ್ನು ಕಡಿಮೆ ಮಾಡುತ್ತವೆ. ಈ ಸಂಗತಿ ಕಣ್ಣಾರೆ ಕಂಡುಬಂದ ಬಗೆ ವಿಲಕ್ಷಣವಾದುದು. 1822ರಲ್ಲಿ ಅಮೆರಿಕದ ಮ್ಯಾಕಿನಾ ದ್ವೀಪದಲ್ಲಿ ಅಲೆಕ್ಸಿಸ್ ಸೇಂಟ್ ಮಾರ್ಟಿನ್ ಎಂಬ ಕೂಲಿಯಾಳಿಗೆ ಆಕಸ್ಮಿಕವಾಗಿ ಬಂದೂಕಿನ ಗುಂಡು ತಗುಲಿತು. ಸೇನಾ ವೈದ್ಯ ವಿಲಿಯಂ ಬ್ಯೂಮಾಂಟ್ ಅವನನ್ನು ಬದುಕಿಸಿದನಾದರೂ ಹೊಟ್ಟೆಯ ಮೇಲಿನ ರಂಧ್ರ ಮುಚ್ಚಿಕೊಳ್ಳಲೇ ಇಲ್ಲ. ವೈದ್ಯನು ಮುಂದೆ ಹಲವು ವರ್ಷಗಳ ಕಾಲ ಆ ರಂಧ್ರದ ಮೂಲಕ ರೇಷ್ಮೆ ದಾರಕ್ಕೆ ಕಟ್ಟಿದ ಆಹಾರದ ತುಣುಕುಗಳನ್ನು ಇಳಿಬಿಟ್ಟು, ಅವು ಎಷ್ಟು ಹೊತ್ತಿನಲ್ಲಿ ಕರಗುತ್ತವೆ ಎಂಬುದನ್ನು ನೋಡಿ, 1833ರಲ್ಲಿ ಗ್ರಂಥವೊಂದನ್ನು ಪ್ರಕಟಿಸಿದನು. ಸಣ್ಣದಾಗಿ ಒಡೆದ ಆಹಾರ ಬೇಗ ಜೀರ್ಣವಾಗುತ್ತದೆ ಎಂಬುದು ಅವನು ಕಂಡ ಒಂದು ಅಂಶ. ಕೋಪದಿಂದ ಪಚನಕ್ರಿಯೆ ಕೆಡುತ್ತದೆ ಎಂಬುದು ಮತ್ತೊಂದು. ಆ ಬಡ ಕೂಲಿಯ ಹೊಟ್ಟೆಯ ಋಣವನ್ನು ವೈದ್ಯಶಾಸ್ತ್ರ ಇನ್ನೂ ತೀರಿಸಿದಂತಿಲ್ಲ. ಮಕ್ಕಳ ಪರೀಕ್ಷೆಯ ಅಂಕಗಳ ವಿಚಾರಣೆಯನ್ನು ಊಟದ ಹೊತ್ತಿಗೇ ಇಟ್ಟುಕೊಳ್ಳುವ ತಂದೆತಾಯಿಯರು ಅವನ ಅನುಭವವನ್ನು ನೆನೆಯುವುದು ಒಳ್ಳೆಯದು. ಅವಸರದಿಂದ ನುಂಗುವವನು ಅನ್ನದೊಡನೆ ಗಾಳಿಯನ್ನೂ ನುಂಗುತ್ತಾನೆ. ತೇಗು, ಹೊಟ್ಟೆಯುಬ್ಬರ ಅದರ ಫಲ. ಹೊಟ್ಟೆ ತುಂಬಿತೆಂಬ ಸೂಚನೆ ಮೆದುಳನ್ನು ಮುಟ್ಟಲು ಸುಮಾರು ಇಪ್ಪತ್ತು ನಿಮಿಷ ಬೇಕಾಗುವುದರಿಂದ, ಹತ್ತು ನಿಮಿಷಗಳಲ್ಲಿ ಉಂಡವನು ಸಹಜವಾಗಿಯೇ ಅಧಿಕ ಉಣ್ಣುತ್ತಾನೆ.

ಮೈಸೂರು ಸೀಮೆಯವರು ರಾಗಿ ಮುದ್ದೆಯನ್ನು ಅಗಿಯದೆ ನುಂಗುತ್ತಾರಲ್ಲ ಎಂಬ ಸಂದೇಹ ಇಲ್ಲಿ ಏಳಬಹುದು. ನುಣ್ಣಗೆ ಬೀಸಿ, ಚೆನ್ನಾಗಿ ಬೇಯಿಸಿ, ಗಂಟಿಲ್ಲದಂತೆ ತಿರುವಿದ ಹಿಟ್ಟು ಅದು. ಹಲ್ಲಿನ ಕೆಲಸದ ಬಹುಭಾಗವನ್ನು ಬೀಸುವ ಕಲ್ಲು ಮತ್ತು ಒಲೆ ಮೊದಲೇ ಮಾಡಿಟ್ಟಿರುತ್ತವೆ. ಜೊತೆಗಿರುವ ಸೊಪ್ಪು, ಕಾಳುಗಳನ್ನು ಮಾತ್ರ ಅಗಿದೇ ನುಂಗಬೇಕು.

ರಾಗಿಯ ಮಾತು ಬಂದುದರಿಂದ ನಾರಿನಂಶದ ವಿಚಾರವನ್ನೂ ಹೇಳಬೇಕಾಗುತ್ತದೆ. ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆಯು 2017ರಲ್ಲಿ ಪ್ರಕಟಿಸಿದ ಆಹಾರ ಘಟಕಗಳ ಕೋಷ್ಟಕದಂತೆ 100 ಗ್ರಾಂ ರಾಗಿಯಲ್ಲಿ ಸುಮಾರು 11 ಗ್ರಾಂ, ಜೋಳದಲ್ಲಿ 10 ಗ್ರಾಂ, ಗೋಧಿ ಹಿಟ್ಟಿನಲ್ಲಿ 11 ಗ್ರಾಂ ನಾರಿನಂಶವಿದೆ. ಪಾಲಿಶ್ ಮಾಡಿದ ಅಕ್ಕಿಯಲ್ಲಾಗಲಿ ಮೈದಾದಲ್ಲಾಗಲಿ ಅದು 3 ಗ್ರಾಂ ಮುಟ್ಟುವುದಿಲ್ಲ. ವಯಸ್ಕನಿಗೆ ದಿನಕ್ಕೆ ಕನಿಷ್ಠ 25 ಗ್ರಾಂ ನಾರು ಬೇಕೆಂಬುದು ವಿಶ್ವ ಆರೋಗ್ಯ ಸಂಸ್ಥೆಯ ಅಭಿಪ್ರಾಯ. ಊರಿನಲ್ಲಿ ರಾಗಿ, ಜೋಳ ಉಂಡು ಬೆಳೆದವರು ನಗರದಲ್ಲಿ ಬೆಳಿಗ್ಗೆ ಪಾವ್, ಮಧ್ಯಾಹ್ನ ಬಿಳಿ ಅನ್ನ, ರಾತ್ರಿ ಮತ್ತೆ ಬಿಳಿ ಅನ್ನಕ್ಕೆ ಇಳಿದಾಗ ಮಲಬದ್ಧತೆ ತಲೆದೋರುವುದರಲ್ಲಿ ಸೋಜಿಗವಿಲ್ಲ. ಭಾರತದ ಪ್ರಸ್ತಾವದ ಮೇರೆಗೆ ವಿಶ್ವಸಂಸ್ಥೆಯು 2023ನ್ನು ಅಂತಾರಾಷ್ಟ್ರೀಯ ಸಿರಿಧಾನ್ಯ ವರ್ಷವೆಂದು ಆಚರಿಸಿದ ಮೇಲೆ ಈ ಧಾನ್ಯಗಳು ನಗರದ ಅಂಗಡಿಗಳಲ್ಲಿ ಹೆಚ್ಚಾಗಿ ಕಾಣಿಸಿಕೊಂಡಿವೆ. ಆದರೆ ಒಮ್ಮೆಗೇ ಮೂರು ಹೊತ್ತೂ ಸಿರಿಧಾನ್ಯ ಎಂದು ಹೊರಟರೆ ವಾಯುಪ್ರಕೋಪ ಖಂಡಿತ. ಎರಡು ಮೂರು ವಾರಗಳಲ್ಲಿ ಕ್ರಮೇಣ ಹೆಚ್ಚಿಸಿ, ನೀರನ್ನೂ ಅದಕ್ಕೆ ತಕ್ಕಂತೆ ಹೆಚ್ಚಿಸಬೇಕು. ಕೋಸಂಬರಿ, ಬಸ್ಸಾರು, ಸಿಪ್ಪೆ ಸಹಿತವಾದ ಕಾಳುಗಳಿಂದಲೂ ಇದೇ ಪ್ರಯೋಜನ ಉಂಟು.

ಮಲಬದ್ಧತೆಗೆ ಇನ್ನೊಂದು ಕಾರಣವಿದ್ದು, ಸಂಕೋಚದಿಂದ ಅದನ್ನು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ಬೆಳಿಗ್ಗೆ ಏನಾದರೂ ತಿಂದ ಅರ್ಧ ಗಂಟೆಯೊಳಗೆ ದೊಡ್ಡ ಕರುಳು ತಾನಾಗಿ ಚಲಿಸುತ್ತದೆ. ಇದು ಪ್ರಕೃತಿಯ ಕರೆ. ಚಾಳುಗಳ ಸಾಮೂಹಿಕ ಶೌಚಾಲಯದ ಮುಂದಿನ ಸಾಲು, ತಪ್ಪಿಹೋಗುವ ಗಾಡಿ ಇವುಗಳ ದೆಸೆಯಿಂದ ಈ ಕರೆಯನ್ನು ದಿನಗಟ್ಟಲೆ ತಡೆಹಿಡಿದರೆ ಕರುಳು ಕರೆಯುವುದನ್ನೇ ನಿಲ್ಲಿಸತೊಡಗುತ್ತದೆ. ಹದಿನೈದು ನಿಮಿಷ ಮೊದಲೇ ಎದ್ದು ಸ್ವಲ್ಪ ತಿಂದು ಆ ಹೊತ್ತನ್ನು ಕಾಯ್ದುಕೊಳ್ಳುವುದು ಜುಲಾಬಿನ ಚೂರ್ಣಗಳಿಗಿಂತ ಮೇಲು.

ಚಹಾ, ಕಾಫಿಗಳ ಬಗ್ಗೆ ದೀರ್ಘ ವಿವರಣೆ ಅನಗತ್ಯ. ಅವುಗಳಲ್ಲಿನ ಟ್ಯಾನಿನ್ ಆಹಾರದ ಕಬ್ಬಿಣಾಂಶವನ್ನು ದೇಹಕ್ಕೆ ದಕ್ಕಗೊಡದ ಕಾರಣ ಊಟಕ್ಕೆ ಒಂದು ಗಂಟೆ ಮೊದಲು ಮತ್ತು ಒಂದು ಗಂಟೆ ಅನಂತರ ಅವನ್ನು ವರ್ಜಿಸುವಂತೆ ಮೇಲೆ ಹೇಳಿದ ಪೋಷಣಾ ಸಂಸ್ಥೆಯ 2024ರ ಮಾರ್ಗಸೂಚಿ ತಿಳಿಸುತ್ತದೆ. ಹಾಲು ಕುಡಿದರೆ ಹೊಟ್ಟೆ ಉಬ್ಬರಿಸುವವರಿಗೆ ಮೊಸರು, ಮಜ್ಜಿಗೆ ಬಹುತೇಕ ಒಗ್ಗುತ್ತವೆ. ಹೆಪ್ಪಿನ ಸೂಕ್ಷ್ಮಜೀವಿಗಳು ಹಾಲಿನ ಸಕ್ಕರೆಯನ್ನು ಭಾಗಶಃ ಕರಗಿಸಿರುತ್ತವೆ.

ಹೊಟ್ಟೆಹುಣ್ಣಿಗೆ ಖಾರವೇ ಕಾರಣವೆಂಬ ನಂಬಿಕೆ ಬಹುಕಾಲ ಬಳಕೆಯಲ್ಲಿತ್ತು. ಜಠರದಲ್ಲಿ ನೆಲೆಸುವ ಹೆಲಿಕೋಬ್ಯಾಕ್ಟರ್ ಪೈಲೋರಿ ಎಂಬ ರೋಗಾಣುವಿಗೂ ಹುಣ್ಣಿಗೂ ಇರುವ ಸಂಬಂಧವನ್ನು ತೋರಿಸಿಕೊಟ್ಟ ಆಸ್ಟ್ರೇಲಿಯದ ಬ್ಯಾರಿ ಮಾರ್ಷಲ್ ಮತ್ತು ರಾಬಿನ್ ವಾರೆನ್ ಅವರಿಗೆ 2005ರಲ್ಲಿ ನೊಬೆಲ್ ಪ್ರಶಸ್ತಿ ದೊರೆಯಿತು. ಖಾರವು ಇರುವ ಉರಿಯನ್ನು ಕೆಣಕಬಹುದು. ಹುಣ್ಣಿನ ಮುಖ್ಯ ಕಾರಣಗಳು ಈ ರೋಗಾಣು ಮತ್ತು ವೈದ್ಯರನ್ನು ಕೇಳದೆ ನುಂಗುವ ನೋವುನಿವಾರಕ ಮಾತ್ರೆಗಳು. ಎರಡಕ್ಕೂ ಚಿಕಿತ್ಸೆಯುಂಟು, ಆದರೆ ಅದು ತಲೆದಿಂಬಿನ ಬಳಿಯ ಮಾತ್ರೆಯಲ್ಲಿ ಇಲ್ಲ. ಆ ಮಾತ್ರೆಯನ್ನು ಎರಡು ವಾರಗಳಿಗೆ ಮೀರಿ ನಿತ್ಯವೂ ನುಂಗಬೇಕಾಗಿ ಬಂದರೆ ವೈದ್ಯರನ್ನು ಕಾಣಬೇಕು. ನುಂಗುವಾಗ ಆಹಾರ ಎದೆಯಲ್ಲಿ ಸಿಕ್ಕಿಕೊಂಡಂತಾಗುವುದು, ಕಾರಣವಿಲ್ಲದೆ ತೂಕ ಇಳಿಯುವುದು, ಮಲವು ಡಾಂಬರಿನಂತೆ ಕಪ್ಪಾಗುವುದು ಅಥವಾ ರಕ್ತಮಿಶ್ರಿತವಾಗುವುದು, ರಕ್ತವಾಂತಿ ಇವುಗಳಲ್ಲಿ ಒಂದು ಕಂಡರೂ ತಡಮಾಡಲಾಗದು.

ಇದೆಲ್ಲಕ್ಕಿಂತ ಅಪಾಯಕರವಾದ ಮಾತು "ಗ್ಯಾಸ್ ಆಗಿದೆ" ಎಂಬುದು. ಎದೆಯ ನಡುವೆ ಹಿಂಡಿದಂತಹ ನೋವು, ಎಡತೋಳಿಗೋ ದವಡೆಗೋ ಹರಡುವ ನೋವು, ಮೈಬೆವರು, ಏದುಸಿರು ಇವು ಹೃದಯಾಘಾತದ ಚಿಹ್ನೆಗಳಾಗಿರಬಹುದು. ಮಹಿಳೆಯರಲ್ಲಿ ಮತ್ತು ಮಧುಮೇಹಿಗಳಲ್ಲಿ ಅದು ಬರಿಯ ಹೊಟ್ಟೆತೊಳಸಿನ ರೂಪದಲ್ಲಿ ಕಾಣಿಸಿಕೊಳ್ಳುವುದೂ ಉಂಟು. ಇಂತಹ ಹೊತ್ತಿನಲ್ಲಿ ಸೋಡಾ ಕುಡಿಸಿ, ಓಮದ ಕಷಾಯ ಕಾಯಿಸಿ ಬೆಳಗಾಗಲೆಂದು ಕಾಯುವ ಮನೆಗಳು ಇಂದಿಗೂ ಇವೆ. ಅಂತಹ ರಾತ್ರಿ ಒಲೆ ಹಚ್ಚದೆ 112ಕ್ಕೆ ದೂರವಾಣಿ ಮಾಡಿ, ರೋಗಿಯನ್ನು ನಡೆಸದೆ, ಕೂಡಲೇ ಆಸ್ಪತ್ರೆಗೆ ಸಾಗಿಸಬೇಕು. ಪರೀಕ್ಷೆಯಲ್ಲಿ ಅದು ಕೇವಲ ಆಮ್ಲಪಿತ್ತವೆಂದು ತಿಳಿದುಬಂದರೆ ಯಾರೂ ನಾಚಿಕೊಳ್ಳಬೇಕಾಗಿಲ್ಲ. ರಾತ್ರಿಯ ಊಟವನ್ನು ಮರುದಿನದಿಂದ ಎಂಟು ಗಂಟೆಗೆ ತಂದರಾಯಿತು.